ಡಿ ಡ್ರೈವ್ ಜಗಳ: ಗೇಮ್ಸ್ ಫೋಲ್ಡರ್ ಡಿಲೀಟ್ ಮಾಡಿದ ಅಪ್ಪ, ಮಾತು ಬಿಟ್ಟ ಮಗ

ನಾನು ಕೌನ್ಸೆಲಿಂಗ್ ಮಾಡೋಳು, ನನ್ನ ಹತ್ರ ಬಂದ ಒಂದು ಮನೆಯ ಕಥೆ ಇದು. ಮನೆಯವ್ರ ಒಪ್ಪಿಗೆ ತಗೊಂಡೇ ಇದನ್ನ ಬರೀತಿದ್ದೀನಿ, ಗುರುತು ಸಿಗೋ ಅಂಥ ವಿವರ ಎಲ್ಲ ಬದಲಾಯಿಸಿದ್ದೀನಿ. ಮಲೆನಾಡ ಕಡೆ ಒಂದು ತಾಲೂಕು ಊರು ಅಂದ್ಕೊಳ್ಳಿ. ಅಪ್ಪಂದು ಫೋಟೋ ಸ್ಟುಡಿಯೋ, ಮದ್ವೆ ಗೃಹಪ್ರವೇಶ ನಾಮಕರಣ ಎಲ್ಲ ಶೂಟ್ ಮಾಡ್ತಾರೆ, ಮಗ ಸೆಕೆಂಡ್ ಪಿಯುಸಿ ಸೈನ್ಸು. ಫೋನ್ ಮಾಡಿದ್ದು ಅಮ್ಮ. "ಮೇಡಂ, ಎರಡು ವಾರ ಆಯ್ತು ಅಪ್ಪನ ಹತ್ರ ಒಂದು ಮಾತಾಡಿಲ್ಲ, ಊಟದ ತಟ್ಟೆ ರೂಮಿಗೇ ತಗೊಂಡ್ ಹೋಗ್ತಾನೆ, ಗೇಮ್ ಅಡಿಕ್ಷನ್ ಆಗ್ಬಿಟ್ಟಿದೆ, ಹೆಂಗಾದ್ರೂ ಬಿಡಿಸಿ" ಅಂದ್ರು. ಏನಾಯ್ತು ಅಂತ ಕೇಳಿದ್ರೆ "ಏನಿಲ್ಲ, ಇವ್ರು ಕಂಪ್ಯೂಟರಲ್ಲಿ ಜಾಗ ಇಲ್ಲ ಅಂತ ಗೇಮ್ ತೆಗೆದ್ರು ಅಷ್ಟೆ" ಅಂದ್ರು. ಆ "ಅಷ್ಟೆ"ಯಲ್ಲೇ ಎಲ್ಲ ಇರುತ್ತೆ, ಇಂಥ ಫೋನ್ ಬಂದಾಗ ನಾನು ಅಲ್ಲಿಂದಲೇ ಹಿಡ್ಕೊಂಡ್ ಹೋಗೋದು.

ನಡೆದಿದ್ದು ಹೀಗೆ. ಮನೇಲಿ ಒಂದೇ ಪಿಸಿ, ಅಪ್ಪಂಗೆ ಎಡಿಟಿಂಗಿಗೂ ಅದೇ, ಮಗಂಗೆ ಗೇಮಿಗೂ ಅದೇ. ಸಿ ಡ್ರೈವ್ 256 ಜಿಬಿ ಎಸ್ಎಸ್‌ಡಿ, ವಿಂಡೋಸು, ಎಡಿಟಿಂಗ್ ಸಾಫ್ಟ್‌ವೇರ್ ಹಾಕಿದ್ರೆ ಮುಗೀತು. ಡಿ ಡ್ರೈವ್ 2 ಟಿಬಿ ಹಾರ್ಡ್‌ಡಿಸ್ಕ್, ಮಿಕ್ಕಿದ್ದೆಲ್ಲ ಅದರಲ್ಲೇ. ಮದ್ವೆ ಸೀಸನ್ ಬೇರೆ. ಇವಾಗ ಎಲ್ರಿಗೂ 4ಕೆ ಬೇಕು, 100 ಎಂಬಿಪಿಎಸ್‌ನಲ್ಲಿ ರೆಕಾರ್ಡ್ ಮಾಡಿದ್ರೆ ಒಂದು ಗಂಟೆಗೆ 45 ಜಿಬಿ, ಎರಡು ಕ್ಯಾಮೆರಾ, ಹಿಂದಿನ ದಿನ ಸಂಜೆ ರಿಸೆಪ್ಷನ್ನು ಬೆಳಿಗ್ಗೆ ಮುಹೂರ್ತ ಅಂದ್ರೆ ಒಂದು ಮದ್ವೆಗೇ ಸಲೀಸಾಗಿ 400 ಜಿಬಿ ಹೋಗುತ್ತೆ. ಆವತ್ತು ರಾತ್ರಿ ಕಾರ್ಡ್ ಖಾಲಿ ಮಾಡ್ಲೇಬೇಕು ಬೆಳಿಗ್ಗೆ ಇನ್ನೊಂದು ಆರ್ಡರ್ ಇದೆ, ಡಿ ಡ್ರೈವ್ ನೋಡಿದ್ರೆ ಕೆಂಪು ಗೆರೆ, ಹುಡುಗ ಫ್ರೆಂಡ್ ಮನೇಲಿ ಓದೋಕೆ ಅಂತ ಹೋಗಿದ್ದ. ಅಪ್ಪ "ಗೇಮ್ಸ್" ಅಂತ ಹೆಸರಿದ್ದ ಫೋಲ್ಡರ್ ಸೆಲೆಕ್ಟ್ ಮಾಡಿ ಶಿಫ್ಟ್ ಡಿಲೀಟ್ ಒತ್ತಿದ್ರು, ಅಂದ್ರೆ ರೀಸೈಕಲ್ ಬಿನ್‌ಗೂ ಹೋಗ್ಲಿಲ್ಲ, ನೇರ ಕೈಲಾಸಕ್ಕೆ. ಆಮೇಲೆ ಎರಡೂ ಕಾರ್ಡು ಕಾಪಿಗೆ ಹಾಕಿ ಮಲಗಿದ್ರು.

ಅಪ್ಪನ ಜೊತೆ ಮೊದಲು ಒಬ್ಬರನ್ನೇ ಕೂರಿಸಿ ಮಾತಾಡಿದೆ. ಒಳ್ಳೇ ಮನುಷ್ಯ, ಕೈ ತುಂಬ ಕೆಲಸ, ನಿದ್ದೆ ಇಲ್ಲ. "ಗೇಮ್ ತಾನೆ ಮೇಡಂ, ಮತ್ತೆ ಡೌನ್‌ಲೋಡ್ ಮಾಡ್ಕೊಂಡ್ರಾಯ್ತು, ಅದಕ್ಕೆ ಇಷ್ಟೆಲ್ಲ ಯಾಕೆ" ಅನ್ನೋದು ಅವರ ವಾದ. ಅರ್ಧ ಸರಿನೇ. ಸ್ಟೀಮ್ ಅನ್ನೋ ಆನ್‌ಲೈನ್ ಗೇಮ್ ಅಂಗಡೀಲಿ ದುಡ್ಡು ಕೊಟ್ಟು ತಗೊಂಡ ಗೇಮು ಅಕೌಂಟಲ್ಲಿ ಇರುತ್ತೆ, ಕಂಪ್ಯೂಟರಿಂದ ತೆಗೆದ್ರೂ ಲೈಬ್ರರೀಲಿ ಹೆಸರು ಹಾಗೇ ಇರುತ್ತೆ, ಯಾವಾಗ ಬೇಕಾದ್ರೂ ಮತ್ತೆ ಇಳಿಸ್ಕೋಬೋದು. ಆಟದಲ್ಲಿ ಎಲ್ಲಿವರೆಗೆ ಬಂದಿದ್ವಿ ಅನ್ನೋ ಸೇವ್ ಫೈಲು ಕೂಡ ತುಂಬಾ ಗೇಮ್‌ಗಳಲ್ಲಿ ಸ್ಟೀಮ್ ಕ್ಲೌಡ್‌ಗೆ, ಅಂದ್ರೆ ಅವರ ಸರ್ವರ್‌ಗೆ, ಹೋಗಿರುತ್ತೆ. ಈ ಹುಡುಗಂದೂ ಅಷ್ಟೆ, ರೆಡ್ ಡೆಡ್ ರಿಡೆಂಪ್ಶನ್ 2 ಥರದ ದೊಡ್ಡ ದೊಡ್ಡ ಗೇಮ್ ಹೋಗಿದ್ದಕ್ಕೆ ಅವನು ತಲೆನೇ ಕೆಡಿಸ್ಕೊಂಡಿರ್ಲಿಲ್ಲ (ಅದೊಂದಕ್ಕೇ 100 ಜಿಬಿಗಿಂತ ಜಾಸ್ತಿ ಬೇಕು).

ಅವನಿಗೆ ಹೊಟ್ಟೆ ಉರಿದಿದ್ದು ಮೈನ್‌ಕ್ರಾಫ್ಟ್‌ಗೆ, ಬ್ಲಾಕ್ ಜೋಡಿಸಿ ನಮ್ಮದೇ ಲೋಕ ಕಟ್ಟೋ ಆಟ ಅದು. ಜಾವಾ ಎಡಿಷನ್, ಅದರಲ್ಲಿ ಒಬ್ಬರೇ ಆಡೋ ವರ್ಲ್ಡ್‌ಗಳು ಅಕೌಂಟಲ್ಲಿ ಇರಲ್ಲ, ನಮ್ಮ ಕಂಪ್ಯೂಟರಲ್ಲೇ ಸೇವ್ಸ್ ಅನ್ನೋ ಫೋಲ್ಡರಲ್ಲಿ ಇರುತ್ತೆ. ಸಾಮಾನ್ಯವಾಗಿ ಅದು ಸಿ ಡ್ರೈವಲ್ಲಿ ಆಪ್‌ಡೇಟಾ ಅನ್ನೋ ಹಿಡನ್ ಫೋಲ್ಡರ್ ಒಳಗೆ ಅಡಗಿ ಕೂತಿರುತ್ತೆ, ಅಪ್ಪನ ಕಣ್ಣಿಗೆ ಬೀಳ್ತಾನೇ ಇರ್ಲಿಲ್ಲ. ಆದ್ರೆ ಸಿ ಡ್ರೈವಲ್ಲಿ ಅಪ್ಪನ ಸಾಫ್ಟ್‌ವೇರ್‌ಗೆ ಜಾಗ ಸಾಲಲ್ಲ ಅಂತ ಇವನೇ ಯೋಚ್ನೆ ಮಾಡಿ ಲಾಂಚರ್ ಸೆಟ್ಟಿಂಗಲ್ಲಿ ಗೇಮ್ ಡೈರೆಕ್ಟರಿನ ಡಿ ಡ್ರೈವ್‌ಗೆ ಬದಲಾಯಿಸಿದ್ದ. ಅಪ್ಪಂಗೆ ಅನುಕೂಲ ಆಗ್ಲಿ ಅಂತ ಮಾಡಿದ್ದಕ್ಕೇ ಹೋಯ್ತು ಅನ್ನೋದು ಅವನ ಸಿಟ್ಟಿನ ಬುಡ, ಮತ್ತೆ ಅದನ್ನ ಮನೇಲಿ ಯಾರಿಗೂ ಹೇಳಿರ್ಲಿಲ್ಲ.

ಏನಿತ್ತು ಆ ವರ್ಲ್ಡಲ್ಲಿ ಅಂತ ಕೇಳಿದೆ. ಮೊದಲು "ಏನಿಲ್ಲ ಬಿಡಿ ಮೇಡಂ" ಅಂದ. ಸುಮ್ನೆ ಕೂತಿದ್ದೆ, ಆಮೇಲೆ ತಾನಾಗೇ ಶುರು ಮಾಡ್ದ. 2020ರ ಲಾಕ್‌ಡೌನಲ್ಲಿ ಶುರು ಮಾಡಿದ್ದಂತೆ. ತಮ್ಮ ಊರನ್ನೇ ಕಟ್ಟಿದ್ದ, ಬಸ್ ಸ್ಟ್ಯಾಂಡು, ಅದರ ಎದುರಿಗಿನ ಹೋಟೆಲ್ಲು, ಸ್ಟುಡಿಯೋ ಇರೋ ಕಾಂಪ್ಲೆಕ್ಸು, ಕೆರೆ ಏರಿ, ಕೋಡಿ. ಕೆರೆ ಬಗ್ಗೆ ಹೇಳುವಾಗ ಹುಡುಗ ಫುಲ್ ಫಾರ್ಮಿಗೆ ಬಂದ. ಆ ಗೇಮಲ್ಲಿ ಒಂದು ಕಡೆ ನೀರು ಸುರಿದ್ರೆ ಅದು 7 ಬ್ಲಾಕ್‌ವರೆಗೆ ಹರಿದು ನಿಂತುಬಿಡುತ್ತೆ, ಆ ಹರಿಯೋ ನೀರು ನಿಂತ ನೀರಿನ ಥರ ಕಾಣಲ್ಲ, ಹಾಗಾಗಿ ಕೆರೆ ಮಟ್ಟವಾಗಿ ತುಂಬಬೇಕು ಅಂದ್ರೆ ಬಕೆಟ್ ಬಕೆಟ್ ಸುರೀತಾ ಹೋಗ್ಬೇಕು. "ಕಮ್ಯಾಂಡ್ ಹಾಕಿದ್ರೆ ಬೇಗ ತುಂಬುತ್ತೆ ಮೇಡಂ, ಆದ್ರೆ ನಾವು ಚೀಟ್ ಆನ್ ಮಾಡ್ಬಾರ್ದು ಅಂತ ಮಾತಾಡ್ಕೊಂಡಿದ್ವಿ." ನಾವು ಅಂದ್ರೆ ಇವನು ಮತ್ತೆ ಪಕ್ಕದ ಮನೆ ಹುಡುಗ, ಅವನು ಇಲ್ಲಿಗೇ ಬಂದು ಇದೇ ಪಿಸಿ ಮುಂದೆ ಕೂತು ಸರದಿ ಮೇಲೆ ನೀರು ತುಂಬಿದ್ನಂತೆ. ಅವರಪ್ಪಂಗೆ ಟ್ರಾನ್ಸ್‌ಫರ್ ಆಗಿ ಈಗ ಬೇರೆ ಊರಲ್ಲಿದ್ದಾನೆ. ಅವನಿಗೆ ಇನ್ನೂ ವಿಷಯ ಹೇಳಿಲ್ಲ, ಹೇಗೆ ಹೇಳೋದು ಗೊತ್ತಾಗ್ತಿಲ್ಲ ಅಂದ.

ಆ ವರ್ಲ್ಡ್ ಇದ್ದಿದ್ದು ಎಷ್ಟು ದೊಡ್ಡದು ಅಂದ್ಕೊಂಡ್ರಿ? 1 ಜಿಬಿನೂ ಇರ್ಲಿಲ್ಲ. ಮುಹೂರ್ತದ ವಿಡಿಯೋ ಎರಡು ನಿಮಿಷಕ್ಕೆ ಅದಕ್ಕಿಂತ ಜಾಸ್ತಿ ತಿನ್ನುತ್ತೆ. ಜಾಗ ಉಳಿಸೋಕೆ ಅಂತ ಮಾಡಿದ ಕೆಲಸದಲ್ಲಿ ಜಾಗಕ್ಕೆ ಸಂಬಂಧನೇ ಇಲ್ದಿರೋದು ಹೋಯ್ತು, ಅಪ್ಪಂಗೆ ಇದನ್ನ ಹೇಳ್ದಾಗ ಅವರು ಸ್ವಲ್ಪ ಹೊತ್ತು ಮಾತಾಡ್ಲಿಲ್ಲ, ಯಾಕಂದ್ರೆ ಜಿಬಿ ಲೆಕ್ಕ ಅವರಿಗೆ ಅರ್ಥ ಆಗೋ ಭಾಷೆ.

ರಿಕವರಿ ಮಾಡ್ಬೋದಾ ಅಂತ ಎಲ್ರೂ ಕೇಳ್ತಾರೆ. ಹಾರ್ಡ್‌ಡಿಸ್ಕಲ್ಲಿ ಡಿಲೀಟ್ ಮಾಡಿದ ತಕ್ಷಣ ಡೇಟಾ ಅಳಿಸಿ ಹೋಗಲ್ಲ, ಆ ಜಾಗ ಖಾಲಿ ಅಂತ ಗುರುತು ಹಾಕ್ಕೊಳುತ್ತೆ ಅಷ್ಟೆ, ಅದರ ಮೇಲೆ ಬೇರೆ ಏನೂ ಬರೀದೇ ಇದ್ರೆ ರಿಕವರಿ ಸಾಫ್ಟ್‌ವೇರಲ್ಲಿ ಸಿಗೋ ಚಾನ್ಸ್ ಇರುತ್ತೆ. ಎಸ್ಎಸ್‌ಡಿ ಆದ್ರೆ ಟ್ರಿಮ್ ಅನ್ನೋದು ಆ ಜಾಗನ ಬೇಗ ಸಾಫ್ ಮಾಡ್ಬಿಡುತ್ತೆ, ಆಸೆ ಕಮ್ಮಿ. ಇಲ್ಲಿ ಹಾರ್ಡ್‌ಡಿಸ್ಕೇ ಆದ್ರೂ ಅದೇ ರಾತ್ರಿ ಮದ್ವೆ ವಿಡಿಯೋ ಅದರ ಮೇಲೆ ಬಂದು ಕೂತಾಗಿತ್ತು. ಹುಡುಗ ಟ್ರೈ ಮಾಡಿದ್ದ, ಹರಿದು ಚಿಂದಿ ಆದ ಫೈಲುಗಳು ಸಿಕ್ಕಿದ್ವು, ಒಂದೂ ಓಪನ್ ಆಗ್ಲಿಲ್ಲ.

ಇನ್ನು ಅಡಿಕ್ಷನ್ ವಿಚಾರ. ಗೇಮಿಂಗ್ ಡಿಸಾರ್ಡರ್ ಅನ್ನೋದು ವಿಶ್ವ ಆರೋಗ್ಯ ಸಂಸ್ಥೆಯ ಕಾಯಿಲೆಗಳ ಪಟ್ಟಿ ಐಸಿಡಿ 11ರಲ್ಲಿ ಇದೆ, 2022 ಜನವರಿಯಿಂದ ಜಾರಿಗೆ ಬಂದಿದೆ, ಇಲ್ಲ ಅಂತ ನಾನು ಹೇಳ್ತಿಲ್ಲ. ಆದ್ರೆ ಅದಕ್ಕೆ ಲಕ್ಷಣ ಇದೆ, ಆಟದ ಮೇಲೆ ಹಿಡಿತ ತಪ್ಪಿರ್ಬೇಕು, ಊಟ ಓದು ನಿದ್ದೆ ಸ್ನೇಹ ಎಲ್ಲಕ್ಕಿಂತ ಆಟವೇ ಮುಂದೆ ಬಂದಿರ್ಬೇಕು, ನಷ್ಟ ಆಗ್ತಿದ್ರೂ ನಿಲ್ಲಿಸೋಕೆ ಆಗ್ತಿರ್ಬಾರ್ದು, ಮತ್ತೆ ಇದು ಸಾಮಾನ್ಯವಾಗಿ 12 ತಿಂಗಳಾದ್ರೂ ನಡೆದಿರ್ಬೇಕು. ಈ ಹುಡುಗ ಕಾಲೇಜ್ ತಪ್ಪಿಸಲ್ಲ, ಹನ್ನೊಂದಕ್ಕೆ ಮಲಗ್ತಾನೆ, ಸಂಜೆ ಶಟಲ್ ಆಡ್ತಾನೆ. ಆ ರಿಕವರಿ ಟ್ರೈ ಮಾಡಿದ್ದು ಬಿಟ್ರೆ ಎರಡು ವಾರದಿಂದ ಪಿಸಿನೇ ಮುಟ್ಟಿಲ್ಲ! ಅಡಿಕ್ಟ್ ಆದವನು ಮಾರನೇ ದಿನಾನೇ ಎಲ್ಲ ಮತ್ತೆ ಇನ್‌ಸ್ಟಾಲ್ ಮಾಡಿ ಕೂತಿರ್ತಿದ್ದ. ಸಿಟ್ಟಲ್ಲಿ "ಪಿಸಿನೇ ಒಡೆದು ಹಾಕ್ತೀನಿ" ಅಂದಿದ್ದ ಅಂತ ಅಮ್ಮ ಹೇಳಿದ್ರು, ಹಾಗಾಗಿ ತನಗೇ ಏನಾದ್ರೂ ಮಾಡ್ಕೊಳ್ಳೋ ಯೋಚ್ನೆ ಇದ್ಯಾ ಅಂತ ಮೊದಲನೇ ದಿನವೇ ನೇರವಾಗಿ ಕೇಳಿದೆ, ಅಂಥದ್ದು ಏನೂ ಇರ್ಲಿಲ್ಲ. ಇದು ಕಾಯಿಲೆ ಅಲ್ಲ, ಇದು ದುಃಖ, ಅದರ ಮೇಲೆ ಒಂದು ಪದರ ಅವಮಾನ.

ಅವಮಾನ ಯಾಕೆ ಅನ್ನೋದು ಮೂರೂ ಜನ ಒಟ್ಟಿಗೆ ಕೂತಾಗ ಹೊರಗೆ ಬಂತು. ನಾನು ಅವರಿಗೆ ಒಂದು ಕೆಲಸ ಕೊಟ್ಟಿದ್ದೆ, ಡಿ ಡ್ರೈವಲ್ಲಿ ಯಾವ ಫೋಲ್ಡರ್ ಎಷ್ಟು ಜಾಗ ತಿಂದಿತ್ತು ಅಂತ ಬರ್ಕೊಂಡ್ ಬನ್ನಿ ಅಂತ. ಬರೆದಿದ್ದು ಅಮ್ಮ, ನೋಟ್‌ಬುಕ್ಕಲ್ಲಿ, ದಿನಸಿ ಪಟ್ಟಿ ಪಕ್ಕದ ಪುಟದಲ್ಲಿ. ಮಗನ ಗೇಮು ಎಲ್ಲ ಸೇರಿ ಇದ್ದಿದ್ದು 240 ಜಿಬಿ. ಅಪ್ಪನ ಹಳೇ ಮದ್ವೆ ರಾ ಫೈಲುಗಳು, ಅಂದ್ರೆ ಎಡಿಟ್ ಮಾಡೋಕೆ ಮುಂಚಿನ ಮೂಲ ಫೈಲುಗಳು, ಆಲ್ಬಮ್ ಕೊಟ್ಟು ದುಡ್ಡು ತಗೊಂಡು ಮುಗಿದಿರೋವು, ಕೆಲವು ಮದ್ವೆಯವ್ರ ಮಕ್ಕಳು ಈಗ ಅಂಗನವಾಡಿಗೆ ಹೋಗ್ತಿದ್ದಾರೆ, ಅವು 1.1 ಟಿಬಿ. ಯಾಕೆ ಸರ್ ಇಟ್ಕೊಂಡಿದ್ದೀರಿ ಅಂದ್ರೆ "ಇಲ್ಲ ಮೇಡಂ, ಪೆನ್‌ಡ್ರೈವ್ ಕಳೆದುಹೋಯ್ತು ಇನ್ನೊಂದ್ ಕಾಪಿ ಕೊಡಿ ಅಂತ ಯಾವಾಗ ಬೇಕಾದ್ರೂ ಬರ್ತಾರೆ, ಇಲ್ಲ ಅಂದ್ರೆ ಊರಲ್ಲಿ ಹೆಸರು ಕೆಡುತ್ತೆ." ಅಂದ್ರೆ ಅವರಿಗೂ ಡಿಲೀಟ್ ಮಾಡೋಕೆ ಕೈ ಬರಲ್ಲ. ಮಗ ಅವತ್ತು ಮೊದಲನೇ ಸಲ ಅಪ್ಪನ ಮುಖ ನೋಡಿ ಮಾತಾಡಿದ, "ಯಾರ್ದೋ ಮದ್ವೆ ವಿಡಿಯೋ ನಾಲ್ಕ್ ವರ್ಷ ಇಟ್ಕೊಂಡಿದ್ದೀಯ, ನಂದನ್ನ ತೆಗೆಯೋಕೆ ಮುಂಚೆ ಒಂದ್ ಫೋನ್ ಮಾಡ್ಬೋದಿತ್ತಲ್ಲಪ್ಪಾ."

ಆಮೇಲೆ ಇನ್ನೊಂದು ಬಂತು, ಅದು ನಾನು ನಿರೀಕ್ಷೆ ಮಾಡಿರ್ಲಿಲ್ಲ. ಎರಡು ವರ್ಷದಿಂದ ಸ್ಟುಡಿಯೋದ ಆಲ್ಬಮ್ ಡಿಸೈನ್ ಮಾಡ್ತಿರೋದು ಈ ಹುಡುಗನೇ, ಫೋಟೋಶಾಪಲ್ಲಿ ಪೇಜ್ ಹೊಂದಿಸೋದು, ಮುಖದ ಟಚಪ್ಪು, ಪ್ರೆಸ್ಸಿಗೆ ಫೈಲ್ ಕಳಿಸೋದು, ಒಂದು ರೂಪಾಯಿ ಇಲ್ಲ. "ಕೆಲಸ ಮಾಡುವಾಗ ನಮ್ಮ ಪಿಸಿ, ಜಾಗ ಬೇಕಾದಾಗ ನಿಮ್ಮ ಪಿಸಿ" ಅಂತ ನನ್ನ ಕಡೆ ತಿರುಗಿ ಹೇಳ್ದ, ಕೇಳಿಸ್ಬೇಕಾದವ್ರಿಗೆ ಕೇಳಿಸ್ತು.

ನಾನು ಕೊಟ್ಟ ಸಲಹೆ. ಅಪ್ಪಂಗೆ ಹೇಳಿದ್ದು, "ಹೊಸ ಗೇಮ್ ಕೊಡಿಸ್ತೀನಿ" ಅನ್ನೋ ಮಾತು ಸದ್ಯಕ್ಕೆ ಬೇಡ, ಅವನಿಗೆ ಹೋಗಿದ್ದು ಗೇಮ್ ಅಲ್ಲ. "ಅದರಲ್ಲಿ ನೀನು ಕಟ್ಟಿದ್ದು ಇತ್ತು ಅಂತ ನಂಗೆ ಗೊತ್ತಿರ್ಲಿಲ್ಲ, ಕೇಳ್ಬೇಕಿತ್ತು, ಕೇಳ್ಲಿಲ್ಲ" ಅಂತ ಅಷ್ಟೇ ಹೇಳಿ, "ಆದ್ರೆ ನೀನೂ" ಅಂತ ಬಾಲ ಸೇರಿಸ್ಬೇಡಿ. ಹುಡುಗಂಗೆ ಹೇಳಿದ್ದು, ಗೆಳೆಯನಿಗೆ ಫೋನ್ ಮಾಡಿ ಹೇಳ್ಬಿಡು ಕಣೋ, ಅದು ಅವನ ಕೆರೆನೂ ಹೌದು, ಒಬ್ಬನೇ ಇಟ್ಕೊಂಡ್ ಕೂತ್ರೆ ಭಾರ ಜಾಸ್ತಿ ಆಗುತ್ತೆ. ಮತ್ತೆ ಒಂದು ಗಟ್ಟಿ ಮಾತೂ ಹೇಳ್ದೆ, ಅಷ್ಟು ಬೆಲೆ ಇರೋದನ್ನ ಬರೀ "ಗೇಮ್ಸ್" ಅನ್ನೋ ಫೋಲ್ಡರಲ್ಲಿ ಒಂದೇ ಕಾಪಿ ಇಟ್ಟಿದ್ದೆ, ಹಾರ್ಡ್‌ಡಿಸ್ಕ್ ತಾನಾಗೇ ಕೈಕೊಟ್ಟಿದ್ರೂ ಹೋಗ್ತಿತ್ತು, ಮುಂದೆ ಪೆನ್‌ಡ್ರೈವಲ್ಲಿ ಒಂದು ಇಟ್ಕೋ.

ಜಾಗದ ವಿಚಾರಕ್ಕೆ ಮನೇಲಿ ಒಂದು ಪದ್ಧತಿ ಮಾಡ್ಕೊಳ್ಳಿ ಅಂದೆ. ಯಾರ ವಸ್ತುನೋ ಅವರ ಕೈಯಿಂದಲೇ ಡಿಲೀಟ್ ಆಗ್ಬೇಕು, ಇನ್ನೊಬ್ರು ಪಕ್ಕದಲ್ಲಿ ಕೂರ್ಬೋದು ಅಷ್ಟೆ. ಫೋಲ್ಡರ್ ಹಿಡಿದು ಡಿಲೀಟ್ ಒತ್ತೋ ಅಭ್ಯಾಸ ಬಿಡಿ, ಸ್ಟೀಮಲ್ಲಾದ್ರೆ ಗೇಮ್ ಮೇಲೆ ರೈಟ್ ಕ್ಲಿಕ್ ಮಾಡಿ ಮ್ಯಾನೇಜ್, ಅಲ್ಲಿಂದ ಅನ್‌ಇನ್‌ಸ್ಟಾಲ್, ಬೇರೆಯವಕ್ಕೆ ವಿಂಡೋಸ್ ಸೆಟ್ಟಿಂಗ್ಸಲ್ಲಿ ಇನ್‌ಸ್ಟಾಲ್ಡ್ ಆಪ್ಸ್‌ಗೆ ಹೋಗಿ ಸೈಜ್ ಪ್ರಕಾರ ಜೋಡಿಸಿದ್ರೆ ಯಾವುದು ಜಾಸ್ತಿ ತಿಂತಿದೆ ಅಂತ ಮೇಲೇ ಕಾಣುತ್ತೆ. ಕೆಲವು ಗೇಮ್ ಹಾಕಿದಾಗ ಜೊತೆಗೆ ಇನ್ನೊಂದು ಬಂದಿರುತ್ತೆ, ವ್ಯಾಲೊರಂಟ್ ಗೇಮ್ ತೆಗೆದ್ರೆ ಅದರ ಜೊತೆ ಬರೋ, ಆಟದಲ್ಲಿ ಮೋಸ ತಡೆಯೋ ವ್ಯಾನ್‌ಗಾರ್ಡ್ ಬೇರೆ ತೆಗೀಬೇಕು. ಕ್ಲೌಡ್ ಸೇವ್ ಇದ್ಯಾ ಇಲ್ವಾ ಅಂತ ಪ್ರತಿ ಗೇಮಿಗೂ ನೋಡಿ, ಇಲ್ದಿದ್ರೆ ಸೇವ್ ಫೋಲ್ಡರ್ ಹುಡುಕಿ ಕಾಪಿ ಮಾಡಿ, ಸಾಮಾನ್ಯವಾಗಿ ಡಾಕ್ಯುಮೆಂಟ್ಸಲ್ಲೋ ಆಪ್‌ಡೇಟಾದಲ್ಲೋ ಇರುತ್ತೆ. ತೆಗೆಯೋದೇ ಬೇಡ ಅನ್ಸಿದ್ರೆ ಸ್ಟೀಮಲ್ಲಿ ಮೂವ್ ಇನ್‌ಸ್ಟಾಲ್ ಫೋಲ್ಡರ್ ಅಂತ ಇದೆ, ಇನ್ನೊಂದು ಡ್ರೈವ್‌ಗೆ ಸಾಗಿಸ್ಬೋದು.

ಪಿಎಸ್5, ಎಕ್ಸ್‌ಬಾಕ್ಸ್ ಥರದ ಗೇಮ್ ಕನ್ಸೋಲ್ ಇರೋ ಮನೆಯವ್ರೂ ಇದೇ ಜಗಳ ತಗೊಂಡ್ ಬರ್ತಾರೆ, ಅಲ್ಲಿ ಜಾಗ ಇನ್ನೂ ಇಕ್ಕಟ್ಟು, ಮೊದಲ ಪಿಎಸ್5ರ ಡಬ್ಬದ ಮೇಲೆ 825 ಜಿಬಿ ಅಂತಿದ್ರೂ ಕೈಗೆ ಸಿಗೋದು ಸುಮಾರು 667, ಎಕ್ಸ್‌ಬಾಕ್ಸ್ ಸೀರೀಸ್ ಎಸ್‌ನಲ್ಲಿ 512ಕ್ಕೆ 364. ಡಿಸ್ಕ್ ತಗೊಂಡ್ರೂ ಗೇಮ್ ಒಳಗೆ ಇನ್‌ಸ್ಟಾಲ್ ಆಗ್ಲೇಬೇಕು. ಒಂದು ಸಮಾಧಾನ ಅಂದ್ರೆ ಪಿಎಸ್5ನಲ್ಲಿ, ನಿಂಟೆಂಡೊ ಸ್ವಿಚ್‌ನಲ್ಲಿ ಗೇಮ್ ತೆಗೆದ್ರೆ ಸೇವ್ ಡೇಟಾ ಹಾಗೇ ಉಳಿಯುತ್ತೆ, ಅದನ್ನ ತೆಗೀಬೇಕು ಅಂದ್ರೆ ಬೇರೆ ಮೆನುಗೇ ಹೋಗ್ಬೇಕು. ಆ ಮೆನು ಕಡೆ ದೊಡ್ಡವರು ದಯವಿಟ್ಟು ಹೋಗ್ಬೇಡಿ, ಅಲ್ಲಿ ಸಿಗೋದು ಚೂರುಪಾರು ಎಂಬಿ ಅಷ್ಟೆ.

ಆಟ ನಿಜವಾಗ್ಲೂ ಜಾಸ್ತಿ ಆಗಿರೋ ಮಕ್ಕಳ ಮನೇಲಿ ಅನ್‌ಇನ್‌ಸ್ಟಾಲ್ ಒಂದು ಉಪಾಯ ಹೌದು, ಆದ್ರೆ ಅದು ಮಗು ಒಪ್ಪಿ ಮಾಡಿದ್ರೆ ಮಾತ್ರ ಕೆಲಸ ಮಾಡುತ್ತೆ. 100 ಜಿಬಿ ಗೇಮ್ ಮತ್ತೆ ಇಳಿಸೋಕೆ 40 ಎಂಬಿಪಿಎಸ್ ಲೈನಲ್ಲಿ ಐದೂವರೆ ಗಂಟೆ ಬೇಕು, ಪರೀಕ್ಷೆ ಟೈಮಲ್ಲಿ ಆಡೋಣ ಅನ್ಸಿದ ಆ ಹತ್ತು ನಿಮಿಷ ದಾಟಿಸೋಕೆ ಆ ಅಡ್ಡಿ ಸಾಕು. ಕದ್ದು ತೆಗೆದ್ರೆ ಏನಾಗುತ್ತೆ, ಫ್ರೆಂಡ್ ಮನೆ ಇದೆ, ಮೊಬೈಲ್ ಇದೆ. ಮೇಲೆ ಹೇಳಿದ ಲಕ್ಷಣ ಪೂರ್ತಿ ಕಾಣ್ತಿದ್ರೆ ಬೆಂಗಳೂರಲ್ಲಿ ನಿಮ್ಹಾನ್ಸ್‌ನ ಶಟ್ ಕ್ಲಿನಿಕ್ 2014ರಿಂದ ಇಂಥದ್ದನ್ನೇ ನೋಡ್ತಿದೆ, ದೂರ ಆದ್ರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ, ಕನ್ನಡದಲ್ಲೇ ಮಾತಾಡ್ತಾರೆ.

ಈ ಮನೆ ಈಗ ಪರವಾಗಿಲ್ಲ. ಅಪ್ಪ 4 ಟಿಬಿ ಎಕ್ಸ್‌ಟರ್ನಲ್ ತಗೊಂಡ್ರು, ಬುಕಿಂಗ್ ರಸೀದಿ ಕೆಳಗೆ "ಆಲ್ಬಮ್ ಕೊಟ್ಟ 6 ತಿಂಗಳ ನಂತರ ಫೈಲ್‌ಗಳು ನಮ್ಮ ಬಳಿ ಇರುವುದಿಲ್ಲ" ಅಂತ ಒಂದು ಸಾಲು ಹಾಕ್ಸಿದ್ರು, ಅದನ್ನ ಟೈಪ್ ಮಾಡ್ಕೊಟ್ಟಿದ್ದು ಮಗನೇ. ಗೆಳೆಯನಿಗೆ ವಿಷಯ ಗೊತ್ತಾಗಿ ಚೆನ್ನಾಗಿ ಬೈದ್ನಂತೆ, ಆಮೇಲೆ ತನ್ನ ಹತ್ರ ಇದ್ದ ಒಂದಷ್ಟು ಸ್ಕ್ರೀನ್‌ಶಾಟ್ ಕಳಿಸಿದ್ದಾನೆ. ಆಲ್ಬಮ್‌ಗೆ ಪೇಜಿಗಿಷ್ಟು ಅಂತ ಮಗಂಗೆ ಕೊಡೋಕೂ ಅಪ್ಪ ಒಪ್ಪಿದ್ದಾರೆ, ರೇಟ್ ಮಾತ್ರ ಇನ್ನೂ ಕುದುರಿಲ್ಲ, ಅಮ್ಮ ಮಧ್ಯೆ ಕೂತಿದ್ದಾರೆ, ಸದ್ಯಕ್ಕೆ ಅವರು ಮಗನ ಪಾರ್ಟಿ.