ಹೇಳಿದರೆ ಸಾಲದು, ಕೇಳಬೇಕು

“ಸಂಪಾದಕರೇ, ಜಮೀನಿನ ಪಹಣಿಯನ್ನು ಸ್ಕ್ಯಾನ್ ಮಾಡಿ ವಕೀಲರಿಗೆ ಕಳುಹಿಸಬೇಕಾಗಿತ್ತು. ಅದಕ್ಕೆಂದು ಮೊಬೈಲಿಗೆ ಒಂದು ಆಪ್ ಹಾಕಿಕೊಂಡೆ. ಮೂರು ದಿನ ಉಚಿತ ಎಂದಿತ್ತು. ಯುಪಿಐ ಪಿನ್ ಕೇಳಿತು, ಒತ್ತಿದೆ. ಕೆಲಸ ಮುಗಿದ ಮೇಲೆ ಆಪ್ ಅಳಿಸಿಬಿಟ್ಟೆ. ಮೊನ್ನೆ ಪಾಸ್‌ಬುಕ್ ನಮೂದು ಮಾಡಿಸಿದಾಗ ನೋಡುತ್ತೇನೆ, ವಾರ ವಾರವೂ 349 ರೂಪಾಯಿ ಹೋಗಿದೆ. ಎರಡೂವರೆ ತಿಂಗಳಲ್ಲಿ ಮೂರೂವರೆ ಸಾವಿರದ ಮೇಲಾಯಿತು. ‘ಓದದೆ ಒತ್ತಿದ್ದು ನಿಮ್ಮದೇ ತಪ್ಪು, ಬಿಟ್ಟುಬಿಡಿ’ ಎನ್ನುತ್ತಾನೆ ಮಗ. ಇಷ್ಟು ಸಣ್ಣ ವಿಷಯಕ್ಕೆ ತಮ್ಮ ಸಮಯ ತೆಗೆದುಕೊಳ್ಳುತ್ತಿರುವುದಕ್ಕೆ ಕ್ಷಮೆ ಇರಲಿ. ಹಣ ವಾಪಸ್ ಬರುತ್ತದೆಯೇ? ಇದು ನ್ಯಾಯವೇ?”
– ನಿವೃತ್ತ ಪ್ರೌಢಶಾಲಾ ಶಿಕ್ಷಕರು, ತಿಪಟೂರು

ಮೇಷ್ಟ್ರೇ, ಕ್ಷಮೆ ಕೇಳಬೇಕಾದವರು ನೀವಲ್ಲ. ಮೊದಲು ಕೆಲಸದ ಮಾತು ಮುಗಿಸೋಣ. ನಾನು ಹರಟೆಗೆ ಕುಳಿತರೆ ಈ ವಾರದ 349 ಕೂಡ ಹೋಗಿಬಿಡುತ್ತದೆ.

ಆಪ್ ಅಳಿಸಿದರೆ ಚಂದಾ ನಿಲ್ಲುವುದಿಲ್ಲ. ಪ್ಲೇ ಸ್ಟೋರ್ ತೆರೆಯಿರಿ. ಮೇಲಿನ ಮೂಲೆಯಲ್ಲಿ ನಿಮ್ಮ ಚಿತ್ರವಿರುವ ಪುಟ್ಟ ವೃತ್ತವನ್ನು ಒತ್ತಿ, ‘ಪೇಮೆಂಟ್ಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್’ ಒಳಗೆ ಹೋಗಿ. ನೀವು ಅಳಿಸಿದ್ದೇನೆಂದುಕೊಂಡ ಆಪ್ ಅಲ್ಲಿ ಹಾಯಾಗಿ ಕುಳಿತಿರುತ್ತದೆ. ಅದನ್ನು ರದ್ದು ಮಾಡಿ. ಬಳಿಕ ನಿಮ್ಮ ಯುಪಿಐ ಆಪ್‌ನಲ್ಲಿ ‘ಆಟೋಪೇ’ ಎಂಬುದನ್ನು ಹುಡುಕಿ, ನೀವು ಕೊಟ್ಟಿರುವ ಅನುಮತಿಯನ್ನೂ ಹಿಂತೆಗೆದುಕೊಳ್ಳಿ. ಎರಡನ್ನೂ ಮಾಡಬೇಕು, ಒಂದನ್ನು ಮಾಡಿ ಸುಮ್ಮನಾಗಬೇಡಿ. ಐಫೋನ್ ಇಟ್ಟುಕೊಂಡಿರುವ ಓದುಗರಿಗೆ ಇದೇ ಪಟ್ಟಿ ಸೆಟ್ಟಿಂಗ್ಸ್‌ನಲ್ಲಿ ತಮ್ಮ ಹೆಸರಿನ ಕೆಳಗೆ ಸಿಗುತ್ತದೆ. ಉಚಿತ ಅವಧಿ ಮುಗಿಯುವ ದಿನದವರೆಗೆ ಕಾಯದೆ ಒಂದು ದಿನ ಮೊದಲೇ ರದ್ದು ಮಾಡಬೇಕು.

ಇನ್ನು ಹಣದ ಮಾತು. ಗೂಗಲ್ ಪ್ಲೇಯಲ್ಲಿ ಪಾವತಿಯಾದ 48 ಗಂಟೆಯೊಳಗೆ ಕೇಳಿದರೆ ವಾಪಸ್ ಬರುವ ಸಾಧ್ಯತೆ ಹೆಚ್ಚು. ಅದು ದಾಟಿದರೆ ಆಪ್ ತಯಾರಿಸಿದವರನ್ನೇ ಕೇಳಬೇಕು. ನಿಮ್ಮ ಇ-ಮೇಲ್‌ನಲ್ಲಿ ಪ್ರತಿ ಕಂತಿಗೂ ಒಂದು ರಸೀದಿ ಬಂದಿರುತ್ತದೆ. ಅದರಲ್ಲಿ ‘ಜಿಪಿಎ’ ಎಂದು ಶುರುವಾಗುವ ಉದ್ದದ ಆರ್ಡರ್ ಸಂಖ್ಯೆ ಇರುತ್ತದೆ. ಆ ಸಂಖ್ಯೆಗಳನ್ನೆಲ್ಲ ಬರೆದು, ‘ಈ ದಿನಾಂಕದ ನಂತರ ನಾನು ಬಳಸಿಲ್ಲ, ಹಣ ಹಿಂದಿರುಗಿಸಿ’ ಎಂದು ಒಂದು ಪತ್ರ ಹಾಕಿ. ಪೂರ್ತಿ ಬರುತ್ತದೆಂದು ಮಾತು ಕೊಡಲಾರೆ. ಕೊನೆಯ ಕಂತುಗಳಾದರೂ ಬಂದರೆ ಅಷ್ಟೇ ಲಾಭ. ಉತ್ತರ ಬಾರದಿದ್ದರೆ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ. ಅನುಮತಿ ಹಿಂತೆಗೆದುಕೊಂಡ ಮೇಲೂ ಹಣ ಕಡಿತವಾದರೆ ಬ್ಯಾಂಕಿಗೆ ಲಿಖಿತ ದೂರು ಕೊಡಿ. 30 ದಿನಗಳಲ್ಲಿ ಪರಿಹಾರ ಸಿಗದಿದ್ದರೆ ಬ್ಯಾಂಕುಗಳ ಮೇಲಿನ ದೂರು ವಿಚಾರಿಸುವ ಅಧಿಕಾರಿ, ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್ ಇದ್ದಾರೆ.

ಒಂದು ಮಾತು ನಿಮಗೂ ಹೇಳಬೇಕು, ಬೇಸರಿಸಬೇಡಿ. ವರ್ಷಗಟ್ಟಲೆ ಮಕ್ಕಳ ಉತ್ತರ ಪತ್ರಿಕೆಗಳಲ್ಲಿ ಒಂದು ಕೊಂಬು ತಪ್ಪಿದರೂ ಕೆಂಪು ಗೆರೆ ಎಳೆದವರು, ‘ಉಚಿತ’ ಎಂದವನು ಪಿನ್ ಏಕೆ ಕೇಳುತ್ತಾನೆ ಎಂದು ಒಂದು ಕ್ಷಣ ಯೋಚಿಸಬಾರದಿತ್ತೇ? ಅದೂ ಸ್ಕ್ಯಾನ್ ಮಾಡುವುದಕ್ಕೆ! ಹೆಚ್ಚಿನ ಆಂಡ್ರಾಯ್ಡ್ ಫೋನುಗಳ ಜೊತೆಯಲ್ಲೇ ಬರುವ ಗೂಗಲ್ ಡ್ರೈವ್ ಆ ಕೆಲಸವನ್ನು ಬಿಟ್ಟಿಯಾಗಿ ಮಾಡುತ್ತದೆ. ಐಫೋನ್‌ನ ನೋಟ್ಸ್ ಕೂಡ ಮಾಡುತ್ತದೆ.

ಬೈದದ್ದು ಅಷ್ಟಕ್ಕೇ ಸಾಕು. ನಿಮ್ಮ ಮಗನ ಮಾತಿನಲ್ಲಿ ಹುರುಳಿಲ್ಲ ಎನ್ನಲಾರೆ. ಷರತ್ತು ಪರದೆಯ ಮೇಲೆ ಎಲ್ಲೋ ಇತ್ತು, ನೀವು ಒತ್ತಿದಿರಿ. ವಿಮೆಯ ಕಂತು, ಕರೆಂಟ್ ಬಿಲ್ ತಾನಾಗಿಯೇ ಕಟ್ಟಿಹೋಗುವ ಏರ್ಪಾಡಿನಿಂದ ಎಷ್ಟೋ ಮನೆಗಳಿಗೆ ಉಪಕಾರವಾಗಿದೆ. ಸಣ್ಣ ಕಂಪನಿಗಳಿಗೆ ತಿಂಗಳು ತಿಂಗಳು ಬರುವ ಖಚಿತ ಆದಾಯದಿಂದಲೇ ಸಂಬಳ ನಡೆಯುತ್ತದೆ. ಇದೆಲ್ಲ ಒಪ್ಪಿದೆ.

ಆದರೆ ಮೇಷ್ಟ್ರೇ, ನೀವು ದಿನವೂ ಹಾಜರಿ ಕರೆದವರು. ಹೆಸರು ಕೂಗಿದಾಗ ಯಾರೂ ‘ಬಂದೆ ಸಾರ್’ ಎನ್ನದಿದ್ದರೆ ಏನು ಬರೆದುಕೊಳ್ಳುತ್ತಿದ್ದಿರಿ? ಗೈರು. ಈ ಆಪ್ ಕಂಪನಿಗಳ ಹಾಜರಿ ಪುಸ್ತಕದಲ್ಲಿ ಸುಮ್ಮನಿದ್ದವರೆಲ್ಲ ಹಾಜರು. ಮೌನವೇ ಸಮ್ಮತಿಯ ಲಕ್ಷಣ ಎಂದು ಹಿರಿಯರು ಹೇಳಿದ್ದು ಮದುವೆಗೆ ಬಂದ ಹೆಣ್ಣುಮಗಳ ನಾಚಿಕೆಯನ್ನು ನೋಡಿ. ಆಗಲೂ ಅದು ಅಷ್ಟೇನೂ ಸರಿಯಾದ ಮಾತಾಗಿರಲಿಲ್ಲ. ಈಗ ಅದನ್ನೇ ವ್ಯಾಪಾರದ ಕಾನೂನು ಮಾಡಿಕೊಂಡಿದ್ದಾರೆ.

ಈ ವಿಷಯದಲ್ಲಿ ನನ್ನ ಹಟ ಈ ಪತ್ರಿಕೆಯ ಹಳೆಯ ಓದುಗರಿಗೆ ಗೊತ್ತು. ಪ್ರತಿ ಸಲ ಹಣ ತೆಗೆದುಕೊಳ್ಳುವವನು ಪ್ರತಿ ಸಲವೂ ಕೇಳಬೇಕು. ನೆನಪಿಟ್ಟುಕೊಳ್ಳುವ ಹೊರೆ ತೆಗೆದುಕೊಳ್ಳುವವನದು, ಕೊಡುವವನದಲ್ಲ. ನಮ್ಮ ದೇಶದ ಅಂಚೆ ಇಲಾಖೆಗೆ ಈ ಧರ್ಮ ತಿಳಿದಿತ್ತು. 1877ರಲ್ಲೇ ಇಲ್ಲಿ ವಿ.ಪಿ.ಪಿ. ಶುರುವಾಯಿತು. ಪುಸ್ತಕ ನಿಮ್ಮ ಬಾಗಿಲಿಗೆ ಬರುತ್ತದೆ, ಅಂಚೆಯಣ್ಣ ಕೈಯಲ್ಲಿ ಹಿಡಿದು ನಿಂತಿರುತ್ತಾನೆ. ಬೇಕಿದ್ದರೆ ಹಣ ಕೊಟ್ಟು ತೆಗೆದುಕೊಳ್ಳಿ. ಬೇಡವಾದರೆ ‘ಸ್ವೀಕರಿಸಲು ಒಪ್ಪಿಲ್ಲ’ ಎಂಬ ಷರಾದೊಂದಿಗೆ ಕಟ್ಟು ಹಿಂದಕ್ಕೆ ಹೋಗುತ್ತದೆ. ಅಂಚೆ ವೆಚ್ಚದ ನಷ್ಟ ಕಳುಹಿಸಿದವನಿಗೆ. ಹೀಗೆ ವಾಪಸಾದ ಕಟ್ಟುಗಳನ್ನು ಎಣಿಸುತ್ತಾ ಕಣ್ಣೀರಿಟ್ಟ ಪ್ರಕಾಶಕರನ್ನು ನಾನು ಬಲ್ಲೆ. ಓದುಗನ ಜೇಬಿಗೆ ಕೈಹಾಕುವ ಉಪಾಯ ಮಾತ್ರ ಅವರಿಗೆ ಹೊಳೆಯಲಿಲ್ಲ. ಕಾದಂಬರಿಕಾರ ಗಳಗನಾಥರು ತಮ್ಮ ಪುಸ್ತಕಗಳ ಗಂಟನ್ನು ತಲೆಯ ಮೇಲೆ ಹೊತ್ತು ಊರೂರು ತಿರುಗಿ ಮಾರಿದರು. ಕಳೆದ ವರ್ಷ ಕೊಂಡ ಮನೆಯ ಬಾಗಿಲಿಗೂ ಈ ವರ್ಷ ಮತ್ತೆ ಹೋಗಿ ಕೇಳಲೇಬೇಕಾದ ವ್ಯಾಪಾರ ಅದು.

ಬ್ರಿಟನ್ನಿನಲ್ಲಿ 1971ರಲ್ಲಿ ಒಂದು ಕಾನೂನು ಬಂತು. ನೀವು ಕೇಳದೆಯೇ ಯಾರಾದರೂ ನಿಮ್ಮ ಮನೆಗೆ ಸಾಮಾನು ಕಳುಹಿಸಿ, ವಾಪಸ್ ಒಯ್ಯದೆ ಆರು ತಿಂಗಳು ಬಿಟ್ಟರೆ ಅದು ನಿಮಗೆ ಕೊಟ್ಟ ಉಡುಗೊರೆ ಎಂದೇ ಆಗ ಲೆಕ್ಕವಾಗಿತ್ತು. ಆ ಹೊತ್ತಿಗೆ ಅಲ್ಲಿ, ಕೇಳದ ಪುಸ್ತಕಗಳನ್ನು ಕಳುಹಿಸಿ ಬಿಲ್ ಹಾಕುವವರ ಹಾವಳಿ ಅಷ್ಟಿತ್ತು. ಗ್ರಾಹಕನ ಸೋಮಾರಿತನವನ್ನೇ ಬಂಡವಾಳ ಮಾಡಿಕೊಂಡವನಿಗೆ ನಷ್ಟದ ರುಚಿ ತೋರಿಸಿದ ಆ ಕಾನೂನು ನನಗೆ ಬಹಳ ಇಷ್ಟ.

ನಮ್ಮ ಪತ್ರಿಕೆಯ ಚಂದಾ ಮುಗಿಯುವ ಸಂಚಿಕೆಯ ಹೊದಿಕೆಯ ಮೇಲೆ, ಅದನ್ನು ತಿಳಿಸುವ ಕೆಂಪು ಮೊಹರು ಬಿದ್ದಿರುವುದನ್ನು ನೀವು ನೋಡಿರುತ್ತೀರಿ. ಅದನ್ನು ನಿಲ್ಲಿಸಿ ಎಂದು ನನಗೆ ಬುದ್ಧಿ ಹೇಳಲು ಒಬ್ಬ ಯುವಕ ಕಚೇರಿಗೆ ಬಂದಿದ್ದ. ಡಿಜಿಟಲ್ ಚಂದಾ ವ್ಯವಸ್ಥೆ ಮಾರುವ ಸಂಸ್ಥೆಯವನು. ಇಸ್ತ್ರಿ ಮಾಡಿದ ಅಂಗಿ, ಮಾತು ಬಲು ವಿನಯ. ಲ್ಯಾಪ್‌ಟಾಪ್ ತಿರುಗಿಸಿ ಒಂದು ಚಿತ್ರ ತೋರಿಸಿದ: ‘ಮುಂದುವರಿಸಿ’ ಎಂಬ ಗುಂಡಿ ಹಸಿರು, ಅಂಗೈಯಗಲ. ‘ರದ್ದುಪಡಿಸಿ’ ಎಂಬುದು ಬಿಳಿಯ ಮೇಲೆ ತಿಳಿಬೂದಿ ಬಣ್ಣದಲ್ಲಿ, ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡ ಮೇಲೆ ನನಗೆ ಕಂಡಿತು. ‘ಇದೇಕೆ ಹೀಗೆ ಮಸುಕಾಗಿದೆ?’ ಎಂದೆ. ‘ಜನ ಮರೆಯುತ್ತಾರೆ ಸಾರ್, ಆದಾಯ ಬರುವುದೇ ಅಲ್ಲಿಂದ’ ಎಂದ. ಅವನ ಪ್ರಾಮಾಣಿಕತೆ ನನಗೆ ಹಿಡಿಸಿತು. ಕಾಫಿ ಕುಡಿಸಿ ಕಳುಹಿಸಿದೆ. ಕೆಂಪು ಮೊಹರು ಇನ್ನೂ ಬೀಳುತ್ತಿದೆ, ಪ್ರತಿ ವರ್ಷ ಒಂದಷ್ಟು ಚಂದಾದಾರರು ಉದುರುತ್ತಲೂ ಇದ್ದಾರೆ.

ದೊಡ್ಡವರ ಆಟವೂ ಇದೇ, ಗಾತ್ರ ಮಾತ್ರ ಬೇರೆ. ಅಮೆಜಾನ್ ‘ಪ್ರೈಮ್’ ಎಂಬ ತನ್ನ ಚಂದಾ ಸದಸ್ಯತ್ವದ ವಿಷಯದಲ್ಲಿ ಗ್ರಾಹಕರನ್ನು ಸಿಕ್ಕಿಸಿಕೊಂಡಿದೆ ಎಂದು, ಗ್ರಾಹಕರ ಹಿತ ಕಾಯುವ ಅಮೆರಿಕದ ಸರ್ಕಾರಿ ಸಂಸ್ಥೆ ಫೆಡರಲ್ ಟ್ರೇಡ್ ಕಮಿಷನ್ 2023ರ ಜೂನ್‌ನಲ್ಲಿ ಮೊಕದ್ದಮೆ ಹೂಡಿತು. ಆ ದೂರಿನ ಪ್ರಕಾರ ಸದಸ್ಯತ್ವ ರದ್ದುಮಾಡಲು ನಾಲ್ಕು ಪುಟ ದಾಟಿ, ಆರು ಸಲ ಒತ್ತಿ, ಹದಿನೈದು ಆಯ್ಕೆಗಳ ನಡುವೆ ದಾರಿ ಹುಡುಕಬೇಕಿತ್ತು. ಕಂಪನಿಯ ಒಳಗಿನವರು ಈ ದಾರಿಗೆ ‘ಇಲಿಯಡ್’ ಎಂದು ಹೆಸರಿಟ್ಟಿದ್ದರಂತೆ. ಹತ್ತು ವರ್ಷ ಎಳೆದ ಯುದ್ಧದ ಗ್ರೀಕ್ ಮಹಾಕಾವ್ಯ! ಯಾರೋ ಸಾಹಿತ್ಯ ಓದಿಕೊಂಡವರೇ ಇಟ್ಟಿರಬೇಕು, ನಮ್ಮ ಕುಲಕ್ಕೆ ಆ ಮಟ್ಟಿಗೆ ನಾಚಿಕೆ. 2025ರ ಸೆಪ್ಟೆಂಬರ್‌ನಲ್ಲಿ ಕಂಪನಿ ತಪ್ಪು ಒಪ್ಪಿಕೊಳ್ಳದೆಯೇ 250 ಕೋಟಿ ಡಾಲರ್ ಕೊಟ್ಟು ರಾಜಿಯಾಯಿತು. ಅದರಲ್ಲಿ 150 ಕೋಟಿ ಗ್ರಾಹಕರಿಗೆ ಮರಳಿಸಬೇಕಾದದ್ದು. ನಿಮ್ಮ ಮಗನಿಗೆ ಇದನ್ನು ಓದಿ ಹೇಳಿ. ‘ಓದದೆ ಒತ್ತಿದ್ದು ನಿಮ್ಮ ತಪ್ಪು’ ಎಂದು ಅಲ್ಲಿಯೂ ಹೇಳಿ ಮುಗಿಸಬಹುದಿತ್ತು.

ನಮ್ಮಲ್ಲಿ ಕಾನೂನೇ ಇಲ್ಲವೇ? ಇದೆ. ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2023ರ ನವೆಂಬರ್ 30ರಂದು ಹೊರಡಿಸಿದ ಮಾರ್ಗಸೂಚಿಯಲ್ಲಿ ಪರದೆಯ ಮೇಲಿನ ಹದಿಮೂರು ಬಗೆಯ ಮೋಸಗಳ ಪಟ್ಟಿ ಇದೆ. ಅದರಲ್ಲಿ ಚಂದಾ ಬಲೆಯೂ ಒಂದು. ರದ್ದುಮಾಡುವ ದಾರಿಯನ್ನು ಮುಚ್ಚಿಡುವುದು, ಸುತ್ತಿಬಳಸಿ ಉದ್ದ ಮಾಡುವುದು ಈ ಬಲೆಯ ಲಕ್ಷಣ ಎಂದು ಅದು ಹೇಳುತ್ತದೆ. ಇನ್ನೊಂದು ಲಕ್ಷಣವನ್ನು ಗಟ್ಟಿಯಾಗಿ ಓದಿಕೊಳ್ಳಿ: ಉಚಿತ ಚಂದಾ ಕೊಡುವುದಕ್ಕೆ ಪಾವತಿಯ ವಿವರವನ್ನೋ ತಾನಾಗಿ ಹಣ ಕಡಿತ ಮಾಡುವ ಅನುಮತಿಯನ್ನೋ ಬಲವಂತವಾಗಿ ಪಡೆಯುವುದು. ಅಂದರೆ ನಿಮ್ಮ ಪಿನ್ ಕೇಳಿದ ಆ ಗಳಿಗೆಯಲ್ಲೇ ಬಲೆ ಬಿದ್ದಿತ್ತು. ನಿಮ್ಮ ದೂರಿನಲ್ಲಿ ಈ ಮಾತನ್ನು ಮೊದಲು ಬರೆಯಿರಿ, ಮರೆತ ಕಥೆಯನ್ನು ಆಮೇಲೆ.

ರಿಸರ್ವ್ ಬ್ಯಾಂಕಿನ ನಿಯಮವೂ ಉಂಟು. 2021ರ ಅಕ್ಟೋಬರ್ 1ರಿಂದ ಕಟ್ಟುನಿಟ್ಟಾಗಿ ಜಾರಿಗೆ ಬಂತು. ಹಣ ತಾನಾಗಿ ಕಡಿತವಾಗುವ 24 ಗಂಟೆ ಮೊದಲು ಗ್ರಾಹಕನಿಗೆ ತಿಳಿಸಬೇಕು. ಯಾರು, ಎಷ್ಟು, ಯಾವತ್ತು ಎಂಬುದೆಲ್ಲ ಅದರಲ್ಲಿರಬೇಕು. ಬೇಡವೆನ್ನುವ ದಾರಿಯೂ ಇರಬೇಕು. ಆಗ ಎಷ್ಟೋ ಪಾವತಿಗಳು ನಿಂತುಹೋಗಿ ಕಂಪನಿಗಳು ಬೊಬ್ಬೆ ಹೊಡೆದವು, ನಾನು ಮಾತ್ರ ಒಳಗೊಳಗೇ ಹಿಗ್ಗಿದೆ. ಆದರೂ ನಿಯಮ ಅರ್ಧ ದಾರಿಗೇ ನಿಂತಿದೆ. ಸಾಮಾನ್ಯವಾಗಿ 15,000 ರೂಪಾಯಿಯವರೆಗಿನ ಕಂತಿಗೆ ಹೇಳಿದರೆ ಸಾಕು, ನಿಮ್ಮ ಒಪ್ಪಿಗೆ ಮತ್ತೊಮ್ಮೆ ಬೇಕಿಲ್ಲ. ಹೇಳುವುದು ಬೇರೆ, ಕೇಳುವುದು ಬೇರೆ. ಸಾಲದ ಆಮಿಷ, ಲಾಟರಿ, ರೀಚಾರ್ಜ್ ಎಂದು ದಿನಕ್ಕೆ ಹತ್ತಾರು ಎಸ್‌ಎಂಎಸ್ ಬೀಳುವ ಫೋನಿನಲ್ಲಿ ಈ ಒಂದು ಸಂದೇಶವನ್ನು ಯಾರು ಹೆಕ್ಕಿ ತೆಗೆಯುತ್ತಾರೆ?

ಕೇಳುವುದು ಅಸಾಧ್ಯವೇನಲ್ಲ ಎನ್ನುವುದಕ್ಕೆ ಹಲೋ ಟ್ಯೂನ್ ಕಾಲವನ್ನು, ಅಂದರೆ ಕರೆ ಮಾಡಿದವರಿಗೆ ಗಂಟೆಯ ಬದಲು ಹಾಡು ಕೇಳಿಸುತ್ತಿದ್ದ ಕಾಲವನ್ನು ನೆನಪಿಸಿಕೊಳ್ಳಿ. ಯಾರಿಗೋ ಫೋನ್ ಮಾಡುವಾಗ ಕೈತಪ್ಪಿ ನಕ್ಷತ್ರದ ಗುಂಡಿ ಒತ್ತಿದರೆ ಮುಗಿಯಿತು, ಯಾವುದೋ ಸಿನಿಮಾ ಹಾಡು ನಿಮ್ಮ ಪಾಲಿಗೆ ಬಂದು ತಿಂಗಳು ತಿಂಗಳು ದುಡ್ಡು ಕೀಳುತ್ತಿತ್ತು. ಹಳ್ಳಿಯ ಅಜ್ಜಿಯರ ಫೋನುಗಳಲ್ಲೂ ಪ್ರೇಮಗೀತೆ. ದೂರುಗಳು ರಾಶಿ ಬಿದ್ದ ಮೇಲೆ ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರ ಟ್ರಾಯ್ 2013ರಲ್ಲಿ, ಇಂತಹ ಸೇವೆಗೆ ಗ್ರಾಹಕ ಎರಡು ಸಲ ಒಪ್ಪಿಗೆ ಕೊಟ್ಟರೆ ಮಾತ್ರ ಹಣ ಹಿಡಿಯಬೇಕು ಎಂದು ಆದೇಶಿಸಿತು. 155223ಕ್ಕೆ ಕರೆ ಮಾಡಿ ನಿಲ್ಲಿಸಬಹುದಿತ್ತು. ಮೂವತ್ತು ರೂಪಾಯಿಯ ಹಾಡಿಗೆ ಎರಡು ಸಲ ಕೇಳುವ ನಾಡಿನಲ್ಲಿ ವಾರಕ್ಕೆ 349ಕ್ಕೆ ಒಂದು ಸಲ ಕೇಳಿಸಲಾಗದೇ?

ಇನ್ನು ಭಾಷೆಯ ಮಾತು. ಅದನ್ನು ಎತ್ತದೆ ನಾನು ಉತ್ತರ ಮುಗಿಸಿದರೆ ಓದುಗರಿಗೆ ಅನುಮಾನ ಬರುತ್ತದೆ. ‘ಉಚಿತ’ ಎಂಬ ಜಾಹೀರಾತು ಅಚ್ಚ ಕನ್ನಡದಲ್ಲಿ ಬರುತ್ತದೆ, ಷರತ್ತು ಇಂಗ್ಲಿಷಿನಲ್ಲಿ. ಹಣ ಕಡಿತದ ಮುನ್ಸೂಚನೆಯೂ ಇಂಗ್ಲಿಷಿನಲ್ಲಿ. 2023ರ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆಯಲ್ಲಿ, ಒಪ್ಪಿಗೆ ಕೇಳುವ ಸೂಚನೆಯನ್ನು ಸಂವಿಧಾನದ ಎಂಟನೇ ಅನುಸೂಚಿಯ ಯಾವುದೇ ಭಾಷೆಯಲ್ಲಿ ಓದಿಕೊಳ್ಳುವ ಅವಕಾಶ ಇರಬೇಕೆಂದು ಬರೆದಿದ್ದಾರೆ. ನಿಮ್ಮ ಹೆಸರು, ಫೋನ್ ಸಂಖ್ಯೆ ಪಡೆಯಲು ಕನ್ನಡದಲ್ಲಿ ಕೇಳಬೇಕೆನ್ನುವ ಸರ್ಕಾರಕ್ಕೆ, ನಿಮ್ಮ ಪಿಂಚಣಿಯಿಂದ ಹಣ ತೆಗೆಯುವವರೂ ಕನ್ನಡದಲ್ಲೇ ಕೇಳಲಿ ಎಂದು ಏಕೆ ತೋಚಲಿಲ್ಲವೋ!

1915 ಸಹಾಯವಾಣಿಯಲ್ಲಿ ಹದಿನೇಳು ಭಾಷೆಗಳಲ್ಲಿ ದೂರು ತೆಗೆದುಕೊಳ್ಳುತ್ತಾರೆ, ಕನ್ನಡವೂ ಅವುಗಳಲ್ಲಿದೆ. ಕನ್ನಡದಲ್ಲೇ ಹೇಳಿ. ಅಲ್ಲಿಯೂ ಬಗೆಹರಿಯದಿದ್ದರೆ ತುಮಕೂರಿನ ಜಿಲ್ಲಾ ಗ್ರಾಹಕರ ಆಯೋಗಕ್ಕೆ ಅರ್ಜಿ ಹಾಕಬಹುದು. ಐದು ಲಕ್ಷ ರೂಪಾಯಿಯವರೆಗಿನ ವ್ಯವಹಾರಕ್ಕೆ ಅಲ್ಲಿ ಶುಲ್ಕವಿಲ್ಲ, ವಕೀಲರೂ ಕಡ್ಡಾಯವಲ್ಲ. ಮೂರೂವರೆ ಸಾವಿರಕ್ಕೆ ಅಷ್ಟು ದೂರ ಹೋಗಬೇಕೇ ಎಂದು ಮಗ ಕೇಳುತ್ತಾನೆ. ಹೋಗಿ ಬನ್ನಿ ಮೇಷ್ಟ್ರೇ, ನಿವೃತ್ತರಿಗೆ ಬಿಡುವಿದೆ ಎನ್ನುವುದನ್ನು ಆ ಕಂಪನಿ ಲೆಕ್ಕಕ್ಕೆ ಹಿಡಿದಿರಲಾರದು. ದೂರಿನ ಒಂದು ಪ್ರತಿಯನ್ನು ನಮಗೂ ಕಳುಹಿಸಿಕೊಡಿ, ಹೆಸರು ಬಿಟ್ಟು ಅಚ್ಚು ಹಾಕುತ್ತೇವೆ.

– ಸಂಪಾದಕ