ಸುಪಾರಿ ಹಂತಕನಿಗೆ ನಿದ್ದೆ ಬರುತ್ತಾ?

ಪ್ರಶ್ನೆ: ಸಿನಿಮಾಗಳಲ್ಲಿ ಸುಪಾರಿ ಹಂತಕರು ಕೊಲೆ ಮಾಡಿ ಬಂದು ಆರಾಮಾಗಿ ಊಟಕ್ಕೆ ಕೂರುತ್ತಾರೆ. ನಿಜವಾಗಿಯೂ ಅವರಿಗೆ ಏನೂ ಅನ್ನಿಸುವುದಿಲ್ಲವಾ?
– ಓದುಗರೊಬ್ಬರು, ಹಾಸನ

ಉತ್ತರ: ಅನ್ನಿಸುತ್ತದೆ. ಎಲ್ಲರಿಗೂ ಅಲ್ಲ, ಕೂಡಲೇ ಅಂತೂ ಅಲ್ಲ.

ಫಿಲಿಪ್ಪೀನ್ಸ್‌ನ ಆರ್ಟುರೊ ಲಸ್ಕನ್ಯಾಸ್‌ನನ್ನೇ ನೋಡಿ. ದಾವಾವೊ ನಗರದಲ್ಲಿ ಪೊಲೀಸ್ ಆಗಿದ್ದವನು. ‘ದಾವಾವೊ ಡೆತ್ ಸ್ಕ್ವಾಡ್’ ಅನ್ನೋ ಕೊಲೆಗಾರರ ತಂಡವೇ ಇಲ್ಲ ಅಂತ 2016ರ ಅಕ್ಟೋಬರಿನಲ್ಲಿ ಸೆನೆಟ್ ಮುಂದೆ ಪ್ರಮಾಣ ಮಾಡಿ ಹೇಳಿದ. 2017ರ ಫೆಬ್ರವರಿಯಲ್ಲಿ ಅದೇ ಮನುಷ್ಯ ಪತ್ರಕರ್ತರ ಮುಂದೆ ಅಳುತ್ತಾ, ತಂಡ ಇತ್ತು, ನಾನೂ ಅದರಲ್ಲಿದ್ದೆ, ದುಡ್ಡು ತಗೊಂಡು ಕೊಂದೆವು ಅಂದ. ಆ ಕೊಲೆಗಳ ಕಾಲದಲ್ಲಿ ದಾವಾವೊ ಮೇಯರ್ ಆಗಿದ್ದ, 2016ರಲ್ಲಿ ದೇಶದ ಅಧ್ಯಕ್ಷರಾದ ರೊಡ್ರಿಗೊ ಡುಟರ್ಟೆ ಅವರೇ ಇದನ್ನೆಲ್ಲ ಮಾಡಿಸುತ್ತಿದ್ದರು ಅನ್ನೋದು ಅವನ ಆರೋಪ. ಡುಟರ್ಟೆ ಕಡೆಯವರು ಅದನ್ನು ಅಲ್ಲಗಳೆದರು.

ಅವನ ಹೇಳಿಕೆಯಲ್ಲಿ ನನಗೆ ಓದಿ ಅರಗಿಸಿಕೊಳ್ಳಲು ಆಗದ ಮಾತೊಂದಿದೆ. ಡ್ರಗ್ಸ್ ದಂಧೆಗೆ ಬಿದ್ದಿದ್ದ ತನ್ನ ಇಬ್ಬರು ಒಡಹುಟ್ಟಿದ ಸಹೋದರರನ್ನು ತಾನೇ ಕೊಲ್ಲಿಸಿದೆ, ಅಷ್ಟು ಕುರುಡು ನಿಷ್ಠೆ ಇತ್ತು ಅಂತ ಹೇಳಿದ. ಒಂದೇ ತಾಯಿ ಮಕ್ಕಳು!

ಇಂಥವರು ಇಷ್ಟು ವರ್ಷ ಹೇಗೆ ತಡೆದುಕೊಳ್ಳುತ್ತಾರೆ ಅಂದರೆ, ‘ಸತ್ತವನು ಕೆಟ್ಟವನು, ನನಗೆ ಹೇಳಿದ್ದನ್ನು ಮಾಡಿದೆ ಅಷ್ಟೇ’ ಅನ್ನೋ ಸಮಾಧಾನ ಅವರನ್ನು ಹಿಡಿದು ನಿಲ್ಲಿಸಿರುತ್ತದೆ. ಅದು ಕೈಬಿಟ್ಟ ದಿನ ಎಲ್ಲ ಒಟ್ಟಿಗೆ ಮೇಲೆ ಬೀಳುತ್ತದೆ. ಲಸ್ಕನ್ಯಾಸ್‌ಗೆ ಕಿಡ್ನಿ ಕಾಯಿಲೆ ಬಂತು, ಸಾವು ಹತ್ತಿರ ಕಂಡಿತು, ದೇವರ ಭಯ ಹುಟ್ಟಿತು. ಕೊಂದವರಿಗೂ ಮನಸ್ಸಿಗೆ ಗಾಯ ಆಗುತ್ತದೆ ಅಂತ ಅಮೆರಿಕದ ಮನಶ್ಶಾಸ್ತ್ರಜ್ಞೆ ರೇಚಲ್ ಮೆಕ್‌ನೇರ್ 2002ರಲ್ಲೇ ಬರೆದಿದ್ದಾರೆ. ವಿಯೆಟ್ನಾಂ ಯುದ್ಧದಲ್ಲಿ ಕೊಂದಿದ್ದ ಸೈನಿಕರಿಗೆ, ಕೊಲ್ಲದವರಿಗಿಂತ ಈ ತೊಂದರೆ ಜಾಸ್ತಿ ಇತ್ತು. ಕೆಟ್ಟ ಕನಸು, ಬೇಡವೆಂದರೂ ಕಣ್ಣ ಮುಂದೆ ಬಂದು ನಿಲ್ಲೋ ಆ ಕ್ಷಣ, ಸುಮ್ನೆ ಸಣ್ಣ ಶಬ್ದಕ್ಕೂ ಬೆಚ್ಚಿ ಬೀಳೋದು. ಇನ್ನು ಕೆಲವರಿಗೆ ಹುಟ್ಟಿನಿಂದಲೇ ಮರುಕ ಕಡಿಮೆ ಇರುತ್ತದೆ. ಅಂಥವರು ನೀವು ಹೇಳಿದ ಹಾಗೆ ಊಟ ಮಾಡಿ ಮಲಗಲೂಬಹುದು.

ಹಾಗಂತ ಅತ್ತವನನ್ನೆಲ್ಲ ಕ್ಷಮಿಸಬೇಕು ಅಂತ ನಾನು ಹೇಳೋದಿಲ್ಲ. ಒಮ್ಮೆ ಸುಳ್ಳು ಹೇಳಿದ್ದೆ ಅಂತ ತಾನೇ ಒಪ್ಪಿಕೊಂಡವನ ಮಾತನ್ನು ಸಾಕ್ಷಿ ಇಟ್ಟೇ ತೂಗಬೇಕು, ಅಲ್ವಾ? ಸತ್ತವರ ಮನೆಯವರಿಗೆ ಅವನ ಕಣ್ಣೀರು ತಗೊಂಡು ಏನಾಗಬೇಕು? ಯಾರನ್ನು, ಎಲ್ಲಿ, ಯಾರ ಮಾತಿಗೆ ಕೊಂದರು ಅನ್ನೋದು ಗೊತ್ತಾಗಬೇಕು. ಅವನು ಅದನ್ನೆಲ್ಲ ಬರೆದು ಹೇಗ್‌ನ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯಕ್ಕೆ ಕೊಟ್ಟಿದ್ದಾನೆ. 2025ರ ಮಾರ್ಚ್‌ನಲ್ಲಿ ಡುಟರ್ಟೆ ಅವರನ್ನು ಬಂಧಿಸಿ ಅಲ್ಲಿಗೇ ಕರೆದೊಯ್ದರು.