ಕ್ವಿಂಟಲ್‌ಗೆ 15 ಪೆಸೊ: ಆ ರೊಕ್ಕ ಯಾರದು?

ಪ್ರಶ್ನೆ: ಸರ, ನಮ್ಮ ಮಗಳು ದುಬೈದಾಗ ನರ್ಸ್ ಅದಾಳ. ಆಕಿ ಜೋಡಿ ಒಂದ ರೂಮಿನ್ಯಾಗ ಇರೋ ಫಿಲಿಪ್ಪೀನ್ಸ್ ಹುಡುಗಿ ಅಜ್ಜ ತೆಂಗು ಬೆಳಿತಿದ್ರಂತ. ‘ಡಾಂಡಿಂಗ್’ ಅನ್ನೋ ಹೆಸರು ಕಿವಿಗೆ ಬಿದ್ರ ಸಾಕು, ಆ ಹುಡುಗಿಗೆ ಸಿಟ್ಟು ನೆತ್ತಿಗೇರ್ತದಂತ. ಅಂವ ಭಾಳ ದೊಡ್ಡ ಉದ್ಯಮಿ, ಒಂದು ಪ್ರಾಂತ್ಯಕ್ಕ ಗವರ್ನರನೂ ಆಗಿದ್ದ, ನಮ್ಮಜ್ಜನಂಥಾವ್ರ ರೊಕ್ಕದ ಮ್ಯಾಲೆ ಬೆಳದ ಅಂತಾಳಂತ. ಅಜ್ಜನ ಹಳೇ ರಸೀದಿ ಇನ್ನೂ ಮನ್ಯಾಗ ಅದಾವಂತ. ಯಾರಿಂವ? ರಾಜ್ಯಪಾಲ ಆದಾಂವಗ ರೈತರ ರೊಕ್ಕದ ಗೊಡವಿ ಏನು? ಆ ರಸೀದಿಗೆ ಈಗ ಕಿಮ್ಮತ್ತು ಐತೇನ್ರಿ?
— ಒಬ್ಬ ತಾಯಿ, ಗದಗ

ಉತ್ತರ: ಅಕ್ಕಾರ, ಮೊದಲು ಗವರ್ನರ್ ವಿಚಾರ ಮುಗಿಸಿಬಿಡೋಣ. ನಮ್ಮ ರಾಜ್ಯಪಾಲರನ್ನು ದಿಲ್ಲಿಯಿಂದ ನೇಮಿಸುತ್ತಾರೆ. ಫಿಲಿಪ್ಪೀನ್ಸ್‌ನಲ್ಲಿ ಪ್ರಾಂತ್ಯದ ಗವರ್ನರನ್ನು ಜನರೇ ಓಟು ಹಾಕಿ ಆರಿಸುತ್ತಾರೆ. ಪ್ರಾಂತ್ಯವೆಂದರೆ ನಮ್ಮ ಒಂದು ಜಿಲ್ಲೆಯಷ್ಟು. ಡಾಂಡಿಂಗ್ ಗವರ್ನರ್ ಆಗಿದ್ದ ತಾರ್ಲಾಕ್ ಪ್ರಾಂತ್ಯ ವಿಸ್ತೀರ್ಣದಲ್ಲಿ ನಮ್ಮ ಗದಗ ಜಿಲ್ಲೆಗಿಂತ ಚಿಕ್ಕದು. 1987ರ ಸಂವಿಧಾನದ ಪ್ರಕಾರ ಈಗ ಅಲ್ಲಿ ಗವರ್ನರ್ ಅವಧಿ 3 ವರ್ಷ, ಸತತವಾಗಿ 3 ಸಲಕ್ಕಿಂತ ಹೆಚ್ಚು ಇರುವಂತಿಲ್ಲ. ಡಾಂಡಿಂಗ್ ಕಾಲದಲ್ಲಿ ಈ ಕಟ್ಟು ಇರಲಿಲ್ಲ.

ಡಾಂಡಿಂಗ್ ಎಂಬುದು ಕರೆಯುವ ಹೆಸರು, ಪೂರ್ತಿ ಹೆಸರು ಎಡುವಾರ್ಡೊ ಕೊಹುವಾಂಕೊ ಜೂನಿಯರ್. 1935ರ ಜೂನ್ 10ರಂದು ತಾರ್ಲಾಕಿನ ಪನಿಕಿ ಎಂಬ ಊರಿನಲ್ಲಿ ಹುಟ್ಟಿದರು. ಚೀನಾದಿಂದ ಬಂದು ನೆಲೆ ನಿಂತ ವ್ಯಾಪಾರಸ್ಥರ ಮನೆತನ, ಕಬ್ಬಿನ ಭೂಮಿ ಬೇಕಾದಷ್ಟು. ಓದಿದ್ದು ಕೃಷಿ, ಸ್ವಲ್ಪ ಕಾಲ ಅಮೆರಿಕದಲ್ಲೂ. 1967ರಲ್ಲಿ ತಾರ್ಲಾಕ್ ಗವರ್ನರ್ ಆದರು. ಅವರಿಗಿಂತ ಮೊದಲು ಆ ಕುರ್ಚಿಯಲ್ಲಿದ್ದವರು ನಿನೊಯ್ ಅಕಿನೊ. ನಿನೊಯ್ ಹೆಂಡತಿ ಕೊರಾಜೋನ್ ಮತ್ತು ಡಾಂಡಿಂಗ್ ಇಬ್ಬರ ತಂದೆಯರು ಒಡಹುಟ್ಟಿದವರು. 1969ರಲ್ಲಿ ಡಾಂಡಿಂಗ್ ಅದೇ ಪ್ರಾಂತ್ಯದಿಂದ ಸಂಸತ್ತಿಗೆ ಹೋದರು. ಅಲ್ಲಿಯವರೆಗೆ ಆ ಕ್ಷೇತ್ರ ಕೊರಾಜೋನ್ ಅವರ ತಮ್ಮನ ಕೈಯಲ್ಲಿತ್ತು. ನಮ್ಮ ಕಡೆ ದಾಯಾದಿಗಳು ಹೊಲದ ಬದುವಿಗೆ ಜಗಳಾಡುತ್ತಾರೆ, ಅವರದು ಇಡೀ ಪ್ರಾಂತ್ಯಕ್ಕೆ.

1972ರಲ್ಲಿ ಅಧ್ಯಕ್ಷ ಮಾರ್ಕೋಸ್ ಸೈನಿಕ ಕಾನೂನು ಹೇರಿ ಸಂಸತ್ತನ್ನೇ ಮುಚ್ಚಿದರು. ಅವರ ಎದುರಾಳಿ ನಾಯಕರಾಗಿದ್ದ ನಿನೊಯ್ ಜೈಲು ಸೇರಿದರು. ಡಾಂಡಿಂಗ್ ಮಾರ್ಕೋಸ್ ಪಕ್ಕದಲ್ಲಿ ನಿಂತರು. ತಮ್ಮ ಮಗನಿಗೆ ಮಾರ್ಕೋಸ್ ಎಂದೇ ಹೆಸರಿಟ್ಟಿದ್ದರು, ಆ ನಂಟು ಅಷ್ಟು ಗಟ್ಟಿ.

ಇನ್ನು ಆ ಹುಡುಗಿಯ ಅಜ್ಜನ ರೊಕ್ಕಕ್ಕೆ ಬರುತ್ತೇನೆ. ಇದನ್ನು ಸಾವಕಾಶವಾಗಿ ಹೇಳಬೇಕು. ಸಿಟ್ಟಿನ ಬೇರು ಇಲ್ಲೇ ಇದೆ.

1973ರ ಆಗಸ್ಟಿನಲ್ಲಿ ಮಾರ್ಕೋಸ್ ಒಂದು ಆಜ್ಞೆ ಹೊರಡಿಸಿದರು. ರೈತ ಕೊಬ್ಬರಿ ಮಾರಿದಾಗ 100 ಕಿಲೋಕ್ಕೆ, ಅಂದರೆ ಕ್ವಿಂಟಲ್‌ಗೆ, 15 ಪೆಸೊ ವಂತಿಗೆ. ಅಡುಗೆ ಎಣ್ಣೆಯ ಬೆಲೆ ಏರಿತ್ತು, ಬಳಕೆದಾರರಿಗೆ ಹೊರೆಯಾಗದಿರಲೆಂದು ಸ್ವಲ್ಪ ಕಾಲದ ಏರ್ಪಾಡು ಎಂದು ಹೇಳಿದ್ದರು. ಅದು 1982ರವರೆಗೆ ನಡೆಯಿತು, ದರವೂ ನಡುನಡುವೆ ಏರಿತು. ಒಟ್ಟು ಕೂಡಿದ್ದು ಸುಮಾರು 970 ಕೋಟಿ ಪೆಸೊ. ಕಟ್ಟಿದವರು ಬಹುಪಾಲು ನಾಲ್ಕಾರು ಎಕರೆಯವರು, ಗೇಣಿದಾರರು. ಇಷ್ಟು ಕಟ್ಟಿದಿರಿ ಎಂದು ರಸೀದಿ ಕೊಡುತ್ತಿದ್ದರು. ನಿಮ್ಮ ಮಗಳ ಗೆಳತಿಯ ಮನೆಯಲ್ಲಿರುವುದು ಅದೇ ರಸೀದಿ ಇರಬೇಕು.

1975ರಲ್ಲಿ ಈ ರೊಕ್ಕದಿಂದ ಒಂದು ಬ್ಯಾಂಕು ಕೊಂಡರು. ಅದು ಕೊರಾಜೋನ್ ಅಣ್ಣ ಪೆದ್ರೊ ಅವರ ಬ್ಯಾಂಕು. ಅದನ್ನು ಕೊಳ್ಳುವ ಹಕ್ಕನ್ನು ಡಾಂಡಿಂಗ್ ಮೊದಲೇ ತಮ್ಮ ಹೆಸರಿಗೆ ಮಾಡಿಕೊಂಡಿದ್ದರು. ಸರ್ಕಾರದ ತೆಂಗು ಪ್ರಾಧಿಕಾರ ರೈತರ ವಂತಿಗೆಯಿಂದ ನೂರರಲ್ಲಿ 72.2 ಭಾಗ ಷೇರು ಕೊಂಡಿತು. ಅದರ ಹತ್ತನೆಯ ಒಂದು ಪಾಲು, ಅಂದರೆ ಬ್ಯಾಂಕಿನ ನೂರಕ್ಕೆ 7.22 ಭಾಗ, ಡಾಂಡಿಂಗ್ ಅವರಿಗೆ ಹೋಯಿತು. ಅದಕ್ಕೆ ಅವರು ಕೈಯಿಂದ ರೊಕ್ಕ ಹಾಕಲಿಲ್ಲ. ಬ್ಯಾಂಕಿನ ಆಡಳಿತವೂ ಅವರಿಗೇ ಬಂತು. ಈ ಒಪ್ಪಂದಕ್ಕೆ ಅಧ್ಯಕ್ಷರ ಆಜ್ಞೆಯ ಮುದ್ರೆ ಬಿತ್ತು, ಆದರೆ ಒಪ್ಪಂದದ ಪ್ರತಿ ಗೆಜೆಟ್‌ನಲ್ಲಿ ಅಚ್ಚಾಗಲೇ ಇಲ್ಲ. ಬ್ಯಾಂಕಿನ ಹೊಸ ಹೆಸರು ಯುನೈಟೆಡ್ ಕೋಕೊನಟ್ ಪ್ಲಾಂಟರ್ಸ್ ಬ್ಯಾಂಕ್. ಹೆಸರಿನಲ್ಲೇ ತೆಂಗು ಬೆಳೆಗಾರರಿದ್ದರು.

ಆಜ್ಞೆಯಲ್ಲಿ ಒಂದು ಒಳ್ಳೆಯ ಮಾತೂ ಇತ್ತು: ಬ್ಯಾಂಕಿನ ಷೇರನ್ನು ರೈತರಿಗೆ ಪುಕ್ಕಟೆ ಹಂಚಬೇಕು. ಹಂಚುವುದು ಹೇಗೆ? ರಸೀದಿ ತಂದು ನೋಂದಾಯಿಸಿದವರಿಗೆ. ನಾನು ಗದಗಿನ ಸಹಕಾರಿ ಬ್ಯಾಂಕೊಂದರಲ್ಲಿ ಷೇರು ವಿಭಾಗದಲ್ಲಿ ಕೂತು ನೌಕರಿ ಮುಗಿಸಿದವನು, ಈ ‘ತಂದವರಿಗೆ’ ಎಂಬ ಷರತ್ತಿನ ಭಾರ ಎಷ್ಟೆಂದು ಬಲ್ಲೆ. ತಂದೆ ತೀರಿಕೊಂಡ ಮೇಲೆ ಮಗ ಟ್ರಂಕಿನ ತಳದಿಂದ ಷೇರು ಸರ್ಟಿಫಿಕೇಟು ತೆಗೆದು ತರುತ್ತಿದ್ದ. ಮಡಿಕೆ ಬಿದ್ದಲ್ಲಿ ಕಾಗದ ಹರಿದಿರುತ್ತಿತ್ತು. ಅದರೊಳಗಿನ ಹೆಸರು ಒಂದು, ಉತಾರದಲ್ಲಿ ಇನ್ನೊಂದು, ವಾರಸಾ ಆಗಿರುತ್ತಿರಲಿಲ್ಲ. ಅವರೆಲ್ಲ ಬ್ಯಾಂಕಿನಿಂದ ನಡೆದು ಬರುವಷ್ಟು ದೂರದವರು, ನಮ್ಮ ಮುಖ ಪರಿಚಯ ಇದ್ದವರು. ಹೀಗಿರುವಾಗ ಸಾವಿರಾರು ದ್ವೀಪಗಳ ದೇಶದಲ್ಲಿ, ದೋಣಿ ಹತ್ತಿ ಪೇಟೆಗೆ ಬರಬೇಕಾದ ತೆಂಗಿನ ರೈತ ಕೊಬ್ಬರಿ ಮಾರಿದ ಚೀಟಿಯನ್ನು ಜೋಪಾನ ಮಾಡಿಯಾನೆ? ಎಷ್ಟೋ ಜನ ನೋಂದಾಯಿಸಲೇ ಇಲ್ಲ. ಕೆಲವರಿಗೆ ರಸೀದಿಯೇ ಸಿಕ್ಕಿರಲಿಲ್ಲ. ನೋಂದಣಿಯಾಗದೆ ಉಳಿದ ಪಾಲು ರೈತರಿಗಾಗಿ ಕಾದಿರಲಿಲ್ಲ, ಮುಂದೆ ಬೇರೆಯವರ ಹೆಸರಿಗೆ ಹೋಯಿತು.

ಆಮೇಲೆ ಅದೇ ವಂತಿಗೆಯಿಂದ ಎಣ್ಣೆ ಗಿರಣಿಗಳನ್ನು ಕೊಂಡು 1979ರ ಹೊತ್ತಿಗೆ ಯೂನಿಕಾಮ್ ಎಂಬ ಒಂದೇ ಕಂಪನಿಯ ಕೆಳಗೆ ತಂದರು. ದೇಶದ ಕೊಬ್ಬರಿಯ ಬಹುಪಾಲು ಖರೀದಿ ಒಂದೇ ಕೈಗೆ ಬಂತು. ಬ್ಯಾಡಗಿ ಯಾರ್ಡಿಗೆ ಮೆಣಸಿನಕಾಯಿ ಚೀಲ ಇಳಿಸಿದ ರೈತನಿಗೆ ಟೆಂಡರ್ ಹಾಕುವವನು ಒಬ್ಬನೇ ಇದ್ದರೆ ಏನಾದೀತು, ಅದೇ ಆಯಿತು. ಅವನ ರೊಕ್ಕದಿಂದಲೇ ಕೊಂಡ ಗಿರಣಿ ಅವನ ಮಾಲಿಗೆ ಬೆಲೆ ಕಟ್ಟಿತು.

1983ರಲ್ಲಿ ಸ್ಯಾನ್ ಮಿಗೆಲ್ ಎಂಬ ಬಿಯರ್ ಮತ್ತು ಆಹಾರದ ಬೃಹತ್ ಕಂಪನಿಯ ಷೇರುಗಳ ಎರಡು ದೊಡ್ಡ ಗಂಟು ಕೊಂಡರು. ಒಂದು ಗಂಟು, ಸುಮಾರು ನೂರಕ್ಕೆ 20, ಡಾಂಡಿಂಗ್ ಮತ್ತು ಅವರ ಕಂಪನಿಗಳ ಹೆಸರಿಗೆ. ಇನ್ನೊಂದು, ನೂರಕ್ಕೆ 27ರಷ್ಟು, ವಂತಿಗೆಯ ರೊಕ್ಕದಲ್ಲಿ ಹುಟ್ಟಿದ 14 ಕಂಪನಿಗಳ ಹೆಸರಿಗೆ. ಮುಂದಿನ ವರ್ಷ ಅವರೇ ಸ್ಯಾನ್ ಮಿಗೆಲ್ ಚೇರ್ಮನ್ ಆದರು.

ಅದೇ 1983ರ ಆಗಸ್ಟ್ 21ರಂದು ಪರದೇಶದಿಂದ ಮರಳಿದ ನಿನೊಯ್ ಅವರನ್ನು ಮನಿಲಾ ವಿಮಾನ ನಿಲ್ದಾಣದಲ್ಲೇ ಗುಂಡಿಕ್ಕಿ ಕೊಂದರು. 1986ರ ಫೆಬ್ರುವರಿ 25ರಂದು ಜನ ಬೀದಿಗಿಳಿದು ನಿಂತಾಗ ಮಾರ್ಕೋಸ್ ಕುಟುಂಬ ದೇಶ ಬಿಟ್ಟಿತು. ಡಾಂಡಿಂಗ್ ಅವರೂ ಜೊತೆಗೇ ಹವಾಯಿಗೆ ಹೋದರು. ಅಧ್ಯಕ್ಷೆಯಾದವರು ಕೊರಾಜೋನ್ ಅಕಿನೊ. ಅವರ ಸರ್ಕಾರ ಡಾಂಡಿಂಗ್ ಷೇರುಗಳನ್ನೆಲ್ಲ ಜಪ್ತಿ ಮಾಡಿ ಕೋರ್ಟಿಗೆ ಹೋಯಿತು. 1989ರಲ್ಲಿ ಡಾಂಡಿಂಗ್ ಮರಳಿ ಬಂದರು. 1992ರಲ್ಲಿ ಅಧ್ಯಕ್ಷ ಚುನಾವಣೆಗೇ ನಿಂತು ನೂರಕ್ಕೆ 18ರಷ್ಟು ಓಟು ಪಡೆದು ಮೂರನೆಯವರಾದರು. ಗೆದ್ದ ಫಿಡೆಲ್ ರಾಮೋಸ್ ಅವರಿಗೂ ಬಂದದ್ದು 24ರ ಒಳಗೇ. 1998ರಲ್ಲಿ ಮತ್ತೆ ಸ್ಯಾನ್ ಮಿಗೆಲ್ ಚೇರ್ಮನ್. 2020ರ ಜೂನ್ 16ರಂದು ತೀರಿಕೊಂಡರು.

ಕಂಪನಿ ನಡೆಸುವ ಅವರ ಜಾಣತನವನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಆ ಜಾಣತನಕ್ಕೆ ಬಂಡವಾಳ ಎಲ್ಲಿಂದ ಬಂತು ಎಂದು ಕೇಳುವ ಹಕ್ಕು ಆ ಹುಡುಗಿಗೆ ಇದೆ. ನಮ್ಮ ಜಿಲ್ಲೆಯ ಕಣಗಿನಹಾಳದಲ್ಲಿ 1905ರಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಸಹಕಾರಿ ಸಂಘ ಕಟ್ಟಿದರು. ಅಂಥ ಸಂಘದಲ್ಲಿ ಷೇರು ಎಷ್ಟೇ ಇರಲಿ, ಒಬ್ಬ ಸದಸ್ಯನಿಗೆ ಒಂದೇ ಓಟು. ನನ್ನ ಇಡೀ ನೌಕರಿ ಈ ಒಂದು ನಿಯಮದ ನೆರಳಿನಲ್ಲಿ ನಡೆಯಿತು. ಆ ತೆಂಗಿನ ಬ್ಯಾಂಕಿನಲ್ಲಿ ರೊಕ್ಕ ಲಕ್ಷಾಂತರ ರೈತರದು, ನಿರ್ಧಾರ ಮಾತ್ರ ಮನಿಲಾದ ನಾಲ್ಕು ಜನರದು. ರೈತರ ಹೆಸರಲ್ಲಿ ಎತ್ತಿದ ರೊಕ್ಕದ ಮೇಲೆ ರೈತರ ಕೈ ಇರಬೇಕು, ಇದು ನನ್ನ ಗಟ್ಟಿ ನಂಬಿಕೆ.

ರಸೀದಿಯ ಕಿಮ್ಮತ್ತಿನ ಪ್ರಶ್ನೆಗೆ ಕೊನೆಯ ಉತ್ತರದಲ್ಲಿ ಬರುತ್ತೇನೆ, ಬ್ಯಾಡಗಿಯವರೂ ಅದನ್ನೇ ಕೇಳಿದ್ದಾರೆ.

ಪ್ರಶ್ನೆ: ಮೊದಲೇ ರೊಕ್ಕ ಇದ್ದವರು ರಾಜಕಾರಣಕ್ಕೆ ಬಂದರೆ ತಿನ್ನುವುದಿಲ್ಲ ಎಂದು ನಮ್ಮ ಅಪ್ಪ ಹೇಳುತ್ತಾರೆ. ನಿಜವೇ ಸರ್?
— ಬಿ.ಕಾಂ. ವಿದ್ಯಾರ್ಥಿನಿ, ರಾಣೇಬೆನ್ನೂರು

ಉತ್ತರ: ಇಲ್ಲವ್ವಾ, ನಾನು ಒಪ್ಪುವುದಿಲ್ಲ. ಮೇಲಿನ ಉತ್ತರ ಓದು. ಡಾಂಡಿಂಗ್ ಹುಟ್ಟಾ ಶ್ರೀಮಂತರು. ಇನ್ನೊಂದು ಮಾತು, ನ್ಯಾಯವಾಗಿ ಹೇಳಬೇಕಾದದ್ದು: ಅವರ ಎದುರು ನಿಂತ ಕೊರಾಜೋನ್ ಅವರ ತವರುಮನೆಯೂ ಅದೇ ತಾರ್ಲಾಕಿನಲ್ಲಿ 6,000 ಹೆಕ್ಟೇರಿಗೂ ಮೀರಿದ ಕಬ್ಬಿನ ಎಸ್ಟೇಟ್ ಹಿಡಿದಿತ್ತು, ಹಸಿಯೆಂದಾ ಲುಯಿಸಿತಾ ಎಂದು. ಅದನ್ನು ದುಡಿಯುವವರಿಗೆ ಹಂಚಬೇಕೆಂದು ಸುಪ್ರೀಂ ಕೋರ್ಟಿನ ಕಡೆಯ ಮಾತು ಬಂದದ್ದು 2012ರಲ್ಲಿ, ಅವರದೇ ಮಗ ಅಧ್ಯಕ್ಷನಾಗಿದ್ದಾಗ. ಅಭ್ಯರ್ಥಿಯ ಕಿಸೆ ತುಂಬಿದೆಯೋ ಖಾಲಿಯೋ ಎಂದು ಅಳೆಯುವುದಕ್ಕಿಂತ, ಅಧಿಕಾರ ಬಂದ ಮೇಲೆ ಅವರ ಕಂಪನಿ ಯಾವ ಸರ್ಕಾರಿ ಆದೇಶದಿಂದ ಏನು ಪಡೆಯಿತು ಎಂದು ನೋಡು. ನೀನು ಬಿ.ಕಾಂ. ಓದುವವಳು, ಬ್ಯಾಲೆನ್ಸ್ ಶೀಟ್ ಓದಲು ಬರುತ್ತದೆ. ಅಪ್ಪನಿಗೆ ಒಂದು ತೋರಿಸು.

ಪ್ರಶ್ನೆ: ಯಜಮಾನ್ರ, ಫಿಲಿಪ್ಪೀನ್ಸಿನ ತೆಂಗಿನ ರೈತರು ಸೆಸ್ ರೊಕ್ಕ ವಾಪಸ್ ಕೊಡ್ರಿ ಅಂತ ರಾಜಧಾನಿ ಮಟ ನಡಕೊಂಡು ಹೋಗಿದ್ರಂತ ಓದಿದ್ದೆ. ಕಡೀಕ ಅವ್ರಿಗೆ ಏನರ ಸಿಕ್ತೋ ಇಲ್ಲೋ?
— ಮೆಣಸಿನಕಾಯಿ ಬೆಳೆಗಾರರು, ಬ್ಯಾಡಗಿ ತಾಲ್ಲೂಕು

ಉತ್ತರ: ನೀವು ಓದಿದ್ದು ಖರೆ. 2014ರಲ್ಲಿ 71 ಜನ ತೆಂಗಿನ ರೈತರು ದಕ್ಷಿಣದ ದಾವಾವ್ ನಗರದಿಂದ ಮನಿಲಾದವರೆಗೆ ಸುಮಾರು 1,750 ಕಿಲೋಮೀಟರ್ ನಡೆದರು, 71 ದಿನ. 71 ಎಂಬ ಲೆಕ್ಕ ಇಟ್ಟಿದ್ದು ತಮಗೆ ಬರಬೇಕಾದ 7,100 ಕೋಟಿ ಪೆಸೊ ನೆನಪಿಸಲು. ನಡೆದವರಲ್ಲಿ ವಯಸ್ಸಾದವರೂ ಇದ್ದರು. ನವೆಂಬರಿನಲ್ಲಿ ಅಧ್ಯಕ್ಷರು ಅವರನ್ನು ಭೇಟಿ ಮಾಡಿದರು. ಮರು ವರ್ಷ ಆದೇಶವೂ ಹೊರಬಿತ್ತು, ಅದಕ್ಕೆ ಸುಪ್ರೀಂ ಕೋರ್ಟಿನಿಂದ ತಡೆ ಬಂತು.

ಕೋರ್ಟಿನ ಕಥೆ ಹೀಗಿದೆ. 2011ರ ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟ್ ಸ್ಯಾನ್ ಮಿಗೆಲ್‌ನ ಆ 20 ಪಾಲಿನ ಗಂಟು ಡಾಂಡಿಂಗ್ ಅವರದೇ ಎಂದಿತು. ಅದು ರೈತರ ರೊಕ್ಕದಿಂದ ಕೊಂಡದ್ದೆಂದು ಸರ್ಕಾರ ಸಾಬೀತು ಮಾಡಲಿಲ್ಲ ಎಂಬುದು ಕಾರಣ. ಡಾಂಡಿಂಗ್ ಮಾರ್ಕೋಸ್ ಆಪ್ತರಲ್ಲ ಎಂಬ ವಾದವನ್ನು ಭಿನ್ನ ತೀರ್ಪು ಬರೆದ ನ್ಯಾಯಮೂರ್ತಿ ಕೊಂಚಿತಾ ಕಾರ್ಪಿಯೊ ಮೊರಾಲೆಸ್ ಶತಮಾನದ ಅತಿ ದೊಡ್ಡ ತಮಾಷೆ ಎಂದು ಕರೆದರು. ನನ್ನ ಮನಸ್ಸು ಆ ನ್ಯಾಯಮೂರ್ತಿಯ ಕಡೆಗಿದೆ. ಆದರೂ ತೀರ್ಪು ತೀರ್ಪೇ, ಆ ಷೇರು ಅವರ ಪಾಲಿಗೆ ಉಳಿಯಿತು. 2012ರ ಜನವರಿಯಲ್ಲಿ ಇನ್ನೊಂದು ಗಂಟಿನ ತೀರ್ಪು ಬಂತು. ಅದು ಆಗ ನೂರಕ್ಕೆ 24ಕ್ಕೆ ಇಳಿದಿತ್ತು. ವಂತಿಗೆ ತೆರಿಗೆಯಂಥದು, ಸಾರ್ವಜನಿಕರ ರೊಕ್ಕ, ಅದನ್ನು ಖಾಸಗಿಯವರಿಗೆ ಹಂಚುವಂತಿಲ್ಲ, ಆದ್ದರಿಂದ ಈ ಷೇರು ಸರ್ಕಾರದ್ದು, ಬಳಕೆ ಮಾತ್ರ ತೆಂಗಿನ ರೈತರಿಗೆ ಎಂದು ಕೋರ್ಟ್ ಹೇಳಿತು. ಅದೇ ವರ್ಷ ನವೆಂಬರಿನಲ್ಲಿ ಬ್ಯಾಂಕಿನ ಆ 7.22 ಭಾಗವನ್ನೂ ಡಾಂಡಿಂಗ್ ಕೈಯಿಂದ ಬಿಡಿಸಿತು. ವಂತಿಗೆ ಶುರುವಾಗಿ ಆಗಲೇ 39 ವರ್ಷ. ಕೊಟ್ಟವರಲ್ಲಿ ಎಷ್ಟೋ ಜನ ಮಣ್ಣು ಸೇರಿದ್ದರು, ಇದು ನನಗೆ ಇಂದಿಗೂ ಸಂಕಟದ ವಿಷಯ.

ರೊಕ್ಕ ಬಳಸಲು ಕಾನೂನು ಬಂದದ್ದು 2021ರ ಫೆಬ್ರುವರಿ 26ರಂದು. ಒಂದು ಟ್ರಸ್ಟ್ ನಿಧಿ, ಮೊದಲ ಐದು ವರ್ಷಗಳಲ್ಲಿ ಅದಕ್ಕೆ 7,500 ಕೋಟಿ ಪೆಸೊ. ನಗದಾಗಿ ಕೈಗೆ ಕೊಡುವುದಿಲ್ಲ. ಹೊಸ ಸಸಿ, ತರಬೇತಿ, ಸಾಲ, ಮಕ್ಕಳ ವಿದ್ಯಾರ್ಥಿವೇತನ, ಆಸ್ಪತ್ರೆ ನೆರವು, ಹೀಗೆ ಹಂಚಿಕೆ. ಆ ಬ್ಯಾಂಕು 2022ರ ಮಾರ್ಚಿನಲ್ಲಿ ಸರ್ಕಾರದ ಲ್ಯಾಂಡ್ ಬ್ಯಾಂಕಿನಲ್ಲಿ ವಿಲೀನವಾಯಿತು.

ಗದಗಿನ ಅಕ್ಕಾರ, ಈಗ ನಿಮ್ಮ ಪ್ರಶ್ನೆ. ರಸೀದಿ ತೋರಿಸಿ ಷೇರು ಕೇಳುವ ಹಾದಿ 2012ರ ತೀರ್ಪಿನಿಂದ ಮುಚ್ಚಿಹೋಗಿದೆ, ಅದರ ಆಸೆ ಇಟ್ಟುಕೊಳ್ಳುವುದು ಬೇಡ ಎಂದು ಆ ಹುಡುಗಿಗೆ ಹೇಳಿಸಿ. ಆದರೆ ನಿಧಿಯ ಲಾಭ ಸಿಗುವುದು ತೆಂಗು ಪ್ರಾಧಿಕಾರದ ರೈತರ ನೋಂದಣಿ ಪಟ್ಟಿಯಲ್ಲಿ ಹೆಸರಿದ್ದವರಿಗೆ. ಐದು ಹೆಕ್ಟೇರಿನೊಳಗೆ ತೆಂಗು ಇದ್ದವರು, ಗೇಣಿದಾರರು, ತೋಟದಲ್ಲಿ ಕೂಲಿ ಮಾಡುವವರು ಹೆಸರು ಬರೆಸಬಹುದು. ಊರಲ್ಲಿ ಆ ತೋಟವನ್ನು ಈಗ ಯಾರು ನೋಡಿಕೊಳ್ಳುತ್ತಿದ್ದಾರೋ ಅವರ ಹೆಸರು ಪಟ್ಟಿಯಲ್ಲಿದೆಯೇ ಎಂದು ಆಕೆ ಫೋನ್ ಮಾಡಿ ಕೇಳಲಿ. ಇಲ್ಲದಿದ್ದರೆ ಸ್ಥಳೀಯ ತೆಂಗು ಪ್ರಾಧಿಕಾರದ ಕಚೇರಿಗೆ ಹೋಗಿ ಬರೆಸಲಿ. ಮನೆಯಲ್ಲಿ ಓದುವ ಮಕ್ಕಳಿದ್ದರೆ ವಿದ್ಯಾರ್ಥಿವೇತನಕ್ಕೆ ಅರ್ಜಿ ಹಾಕಲು ಆ ನೋಂದಣಿಯೇ ಆಧಾರ.